73 ಪರ್ಸೆಂಟ್‌ಗೆ ನಿಂತ ಅಪ್‌ಡೇಟ್

ದಸರಾ ರಜೆಯಲ್ಲಿ ಒಂದು ರಾತ್ರಿ ಹನ್ನೊಂದರ ಹೊತ್ತಿಗೆ ನಮ್ಮ ಕ್ಲಬ್ಬಿನ ವಾಟ್ಸಾಪ್ ಗ್ರೂಪಿಗೆ ಆಯನೂರಿನಿಂದ ಒಂದು ಫೋಟೋ ಬಂತು. ಲ್ಯಾಪ್‌ಟಾಪ್ ಪರದೆಯನ್ನ ಮೊಬೈಲಲ್ಲಿ ವಾರೆಯಾಗಿ ತೆಗೆದದ್ದು. ಸ್ಟೀಮ್‌ನ ಡೌನ್‌ಲೋಡ್ಸ್ ಪುಟ, ಒಂದು ಗೇಮಿನ ಅಪ್‌ಡೇಟ್, 73 ಪರ್ಸೆಂಟ್. ಕೆಳಗೆ ಒಂದೇ ಸಾಲು: "ಸಂಜೆಯಿಂದ ಹಿಂಗೇ ನಿಂತಿದೆ ಮಾರಾಯ್ರಾ, ಅನ್‌ಇನ್‌ಸ್ಟಾಲ್ ಮಾಡ್ಲಾ?"

ಐದು ನಿಮಿಷದಲ್ಲಿ ಹತ್ತಾರು ಸಲಹೆ ಬಂದ್ವು. ರೂಟರ್ ಆಫ್ ಮಾಡಿ ಆನ್ ಮಾಡು, ವಿಪಿಎನ್ ಹಾಕು, ವಿಂಡೋಸ್ ಹೊಸದಾಗಿ ಹಾಕು, ಗೇಮ್ ಬಿಟ್ಟು ಓದ್ಕೋ (ಇದು ಸೀನಿಯರ್ ಒಬ್ಬರದ್ದು). ಆದರೆ ನಿಂತಿರೋದು ನೆಟ್ಟಾ ಡಿಸ್ಕಾ ಅಂತ ಯಾರೂ ಕೇಳಲಿಲ್ಲ. ನಾವೂ ಕೇಳಲಿಲ್ಲ, ಒಪ್ಕೊಳ್ತೀವಿ. ಆಮೇಲೆ ಕೂತು ಈ ಇಡೀ ವ್ಯವಸ್ಥೆ ಹೇಗೆ ನಡೆಯುತ್ತೆ ಅಂತ ಓದಿದ್ವಿ. ಓದಿದ್ದನ್ನ ಇಲ್ಲಿ ಬರೀತಿದ್ದೀವಿ.

ಮೊದಲು ಅನ್‌ಇನ್‌ಸ್ಟಾಲ್ ವಿಷಯ. ಬೇಡ. ಆ ಗೇಮ್ 80 ಜಿಬಿ. ಅವನ ಮನೆಯಲ್ಲಿ ಫೈಬರ್ ಇಲ್ಲ, ಮೊಬೈಲ್ ಹಾಟ್‌ಸ್ಪಾಟೇ ಗತಿ, ದಿನಕ್ಕೆ 2 ಜಿಬಿ. ಒಂದು ರೀಲ್ಸೂ ನೋಡದೆ ಪೂರ್ತಿ ಡೇಟಾ ಇದಕ್ಕೇ ಸುರಿದ್ರೂ 40 ದಿನ. ಶಿವಮೊಗ್ಗದಿಂದ ಸಾಗರದ ರಸ್ತೆಯಲ್ಲಿ ಅಷ್ಟು ಹತ್ತಿರ ಇರೋ ಊರಿನ ಕಥೆಯೇ ಹೀಗಾದ್ರೆ, ಅಲ್ಲಿಂದಾಚೆ ರಿಪ್ಪನ್‌ಪೇಟೆ, ಹೊಸನಗರದ ಕಡೆಯ ನಮ್ಮ ಹುಡುಗರ ಪಾಡು ನೀವೇ ಊಹಿಸ್ಕೊಳ್ಳಿ. ಹಾಸ್ಟೆಲ್ ವೈಫೈಯಲ್ಲಿ ಕೂತವರಿಗೆ "ಡಿಲೀಟ್ ಮಾಡಿ ಮತ್ತೆ ಹಾಕು" ಅನ್ನೋದು ಸುಲಭ.

ಈಗ ಒಳಗಿನ ಕೆಲಸ ನೋಡೋಣ. ವಾಲ್ವ್ ಕಂಪನಿ ಸ್ಟೀಮ್ ಶುರು ಮಾಡಿದ್ದು 2003ರ ಸೆಪ್ಟೆಂಬರ್ 12ಕ್ಕೆ. ಕೌಂಟರ್-ಸ್ಟ್ರೈಕ್ ಥರದ ಗೇಮುಗಳಿಗೆ ಪ್ಯಾಚ್ ತಲುಪಿಸೋದೇ ಆಗ ಅದರ ದೊಡ್ಡ ಕೆಲಸ. ಇವತ್ತು ಸ್ಟೀಮ್ ಗೇಮಿನ ಫೈಲುಗಳನ್ನೆಲ್ಲ ಹೆಚ್ಚುಕಮ್ಮಿ 1 ಎಂಬಿ ಗಾತ್ರದ ತುಂಡು ಮಾಡಿ, ಕುಗ್ಗಿಸಿ ಇಟ್ಟಿರತ್ತೆ. ಯಾವ ಫೈಲಲ್ಲಿ ಯಾವ ತುಂಡು ಎಲ್ಲಿ ಕೂರಬೇಕು ಅನ್ನೋ ಪಟ್ಟಿಗೆ ಮ್ಯಾನಿಫೆಸ್ಟ್ ಅಂತಾರೆ. ಅಪ್‌ಡೇಟ್ ಬಂದಾಗ ಹಳೇ ಪಟ್ಟಿ, ಹೊಸ ಪಟ್ಟಿ ಎರಡನ್ನೂ ಹೋಲಿಸಿ ನಿಮ್ಮ ಹತ್ರ ಇಲ್ಲದ ತುಂಡುಗಳನ್ನ ಮಾತ್ರ ತರಿಸುತ್ತೆ. ಇಲ್ಲಿವರೆಗೆ ನೆಟ್ಟಿನ ಕೆಲಸ.

ತುಂಡು ಬಂದ ಮೇಲೆ ಅದನ್ನ ಫೈಲಿಗೆ ಸೇರಿಸಬೇಕಲ್ಲ, ಅದಕ್ಕೆ ಪ್ಯಾಚಿಂಗ್ ಅಂತಾರೆ. ಇದು ಹೇಗೆ ಅಂದ್ರೆ, ನಿಮ್ಮ ಲ್ಯಾಬ್ ರೆಕಾರ್ಡಿನ ಒಂದು ಪುಟದಲ್ಲಿ ತಪ್ಪಿದೆ. ನಾವಾದ್ರೆ ವೈಟ್ನರ್ ಹಚ್ಚಿ ಮುಗಿಸ್ತೀವಿ. ಸ್ಟೀಮ್ ಹಾಗೆ ಮಾಡಲ್ಲ. ಹೊಸ ರೆಕಾರ್ಡ್ ತಗೊಂಡು, ಸರಿ ಇರೋ ಪುಟಗಳನ್ನೆಲ್ಲ ಹಳೇದರಿಂದ ನೋಡಿ ಬರೆದು, ತಪ್ಪಿದ್ದ ಜಾಗಕ್ಕೆ ಹೊಸ ಪುಟ ಸೇರಿಸಿ, ಎಲ್ಲ ಸರಿಯಾದ ಮೇಲೆ ಹಳೇದನ್ನ ಎಸೆಯುತ್ತೆ. ದಡ್ಡತನ ಅನ್ನಿಸಬಹುದು. ಆದರೆ ಮಧ್ಯದಲ್ಲಿ ಕರೆಂಟ್ ಹೋದ್ರೂ ಹಳೇ ಫೈಲ್ ಹಾಗೇ ಇರತ್ತೆ. ಮಳೆಗಾಲದ ಮಲೆನಾಡಲ್ಲಿ ಇದರ ಬೆಲೆ ಏನು ಅಂತ ಬೇರೆ ಹೇಳ್ಬೇಕಾ?

ಇದರಿಂದ ಎರಡು ತೊಂದರೆ. ಒಂದು, ಜಾಗ. ಗೇಮ್ ಮಾಡಿದವರು ಎಲ್ಲವನ್ನೂ 20 ಜಿಬಿಯ ಒಂದೇ ಫೈಲಿಗೆ ತುರುಕಿದ್ರೆ, 200 ಎಂಬಿ ಅಪ್‌ಡೇಟಿಗೂ ಆ 20 ಜಿಬಿ ಪೂರ್ತಿ ಹೊಸದಾಗಿ ಬರೀಬೇಕು. ಅಷ್ಟು ಹೊತ್ತು ಡಿಸ್ಕಿನಲ್ಲಿ ಹಳೇದೂ ಇರಬೇಕು, ಹೊಸದೂ ಇರಬೇಕು. "200 ಎಂಬಿ ಅಪ್‌ಡೇಟು, ನನ್ನತ್ರ 5 ಜಿಬಿ ಜಾಗ ಇದೆ, ಆದ್ರೂ ಸಾಲಲ್ಲ ಅನ್ನತ್ತೆ" ಅಂತ ಬಯ್ಯೋರಿಗೆ ಇದೇ ಉತ್ತರ. ಇಂಥ ಫೈಲುಗಳನ್ನ ಚಿಕ್ಕದಾಗಿಡಿ ಅಂತ ವಾಲ್ವ್ ಗೇಮ್ ಮಾಡೋರಿಗೆ ಹೇಳತ್ತೆ. ಅವರದ್ದೇ ಡೋಟಾ 2ರ ಫೋಲ್ಡರ್ ತೆಗೆದು ನೋಡಿ, ಒಂದೇ ಹೆಸರಿನ ಫೈಲುಗಳು 000, 001, 002 ಅಂತ ಸಾಲಾಗಿ ಹೋಗ್ತಾವೆ. ಎಲ್ಲರೂ ಹಾಗೆ ಮಾಡಲ್ಲ, ಅನುಭವಿಸೋರು ನಾವು.

ಇನ್ನೊಂದು, ಸಮಯ. ಲ್ಯಾಪ್‌ಟಾಪಿನ ಹಾರ್ಡ್ ಡಿಸ್ಕ್ ಸೆಕೆಂಡಿಗೆ 100 ಎಂಬಿ ಓದತ್ತೆ ಅಂತಿಟ್ಕೊಳ್ಳಿ. 20 ಜಿಬಿ ಓದೋಕೆ 200 ಸೆಕೆಂಡ್, ಬರೆಯೋಕೆ ಇನ್ನೊಂದು 200. ಕಾಗದದ ಮೇಲೆ ಏಳು ನಿಮಿಷ. ಆದರೆ ಓದೋದೂ ಬರೆಯೋದೂ ಒಂದೇ ಹೆಡ್. ಅದು ಅತ್ತಿಂದಿತ್ತ ಓಡಾಡಿ ಅರ್ಧ ಗಂಟೆ ಎಳೆದ್ರೂ ಆಶ್ಚರ್ಯ ಇಲ್ಲ. ಅಷ್ಟು ಹೊತ್ತು ಡೌನ್‌ಲೋಡ್ ವೇಗ ಸೊನ್ನೆ ಅಂತ ಕಾಣ್ಸತ್ತೆ. ನೋಡಿದವರು ನೆಟ್ ಹೋಯ್ತು ಅಂತ ಪಾಸ್ ಒತ್ತೋದು, ಸ್ಟೀಮ್ ಮುಚ್ಚಿ ತೆಗೆಯೋದು. ನಿಂತೇ ಇಲ್ಲದ ಅಪ್‌ಡೇಟನ್ನ ನಾವೇ ನಿಲ್ಲಿಸ್ತೀವಿ.

ಹಾಗಾಗಿ ಡೌನ್‌ಲೋಡ್ಸ್ ಪುಟದ ಮೇಲಿರೋ ಗ್ರಾಫ್ ನೋಡೋದನ್ನ ಕಲೀರಿ. ನೀಲಿ ಕಂಬಗಳು ನೆಟ್‌ವರ್ಕ್, ಹಸಿರು ಗೆರೆ ಡಿಸ್ಕ್. ನೀಲಿ ಇಲ್ಲ, ಹಸಿರು ಓಡ್ತಿದೆ ಅಂದ್ರೆ ಕೆಲಸ ನಡೀತಿದೆ. ಎದ್ದು ಹೋಗಿ ಚಹಾ ಕುಡಿದು ಬನ್ನಿ. ಎರಡೂ ಸೊನ್ನೆ ಅಂದ್ರೆ ಮಾತ್ರ ನಿಜವಾಗಿ ನಿಂತಿದೆ. ಆಗ ಟಾಸ್ಕ್ ಮ್ಯಾನೇಜರ್ ತೆಗೆದು ಡಿಸ್ಕ್ ಏನು ಮಾಡ್ತಿದೆ ನೋಡಿ.

ಡಿಸ್ಕೂ ಸುಮ್ನೆ ಕೂತಿದ್ರೆ ನೆಟ್ ಕಡೆಯ ಸಮಸ್ಯೆ. ಇದು ಸಾಮಾನ್ಯವಾಗಿ ಸುಲಭ. ಸೆಟ್ಟಿಂಗ್ಸ್‌ನ ಡೌನ್‌ಲೋಡ್ಸ್ ಭಾಗಕ್ಕೆ ಹೋಗಿ. ವೇಗದ ಮಿತಿ ಯಾವಾಗಲೋ ಹಾಕಿ ಮರೆತಿದ್ದೀರಾ ನೋಡಿ. ಇಂತಿಷ್ಟು ಹೊತ್ತಿಂದ ಇಂತಿಷ್ಟು ಹೊತ್ತಿಗೆ ಮಾತ್ರ ಅಪ್‌ಡೇಟ್ ಆಗ್ಲಿ ಅನ್ನೋ ಆಯ್ಕೆ ಆನ್ ಇದ್ಯಾ ನೋಡಿ. ಅಲ್ಲೇ ಡೌನ್‌ಲೋಡ್ ರೀಜನ್ ಇರತ್ತೆ: ಮುಂಬೈ ಇದ್ರೆ ಚೆನ್ನೈಗೆ, ಚೆನ್ನೈ ಇದ್ರೆ ಮುಂಬೈಗೆ ಬದಲಿಸಿ ನೋಡಿ. ಅದಕ್ಕೂ ಬಗ್ಗದಿದ್ರೆ ಡೌನ್‌ಲೋಡ್ ಕ್ಯಾಶ್ ಅಳಿಸಿ. ಇದರಿಂದ ಗೇಮ್ ಹೋಗಲ್ಲ, ಆದರೆ ಮತ್ತೆ ಲಾಗಿನ್ ಆಗ್ಬೇಕಾಗತ್ತೆ, ಪಾಸ್‌ವರ್ಡ್ ನೆನಪಿದ್ಯಾ ಅಂತ ಮೊದಲೇ ನೋಡ್ಕೊಳ್ಳಿ. ಬುಧವಾರ ಬೆಳಗಿನ ಜಾವ ನಿಂತ್ರೆ ಏನೂ ಮಾಡ್ಬೇಡಿ. ಅಮೆರಿಕದ ಮಂಗಳವಾರ ಸಂಜೆ ವಾಲ್ವ್ ತನ್ನ ಸರ್ವರ್ ರಿಪೇರಿಗೆ ಇಟ್ಕೊಂಡಿರೋ ಹೊತ್ತು ಅದು, ಸ್ವಲ್ಪ ಹೊತ್ತಲ್ಲಿ ತಾನೇ ಬರತ್ತೆ. ಮನೆಯ ಹಳೇ ಕಂಪ್ಯೂಟರಲ್ಲಿ ವಿಂಡೋಸ್ 7 ಅಥವಾ 8 ಇದ್ರೆ ತಲೆ ಕೆಡಿಸ್ಕೊಳ್ಳೋದೇ ಬೇಡ, 2024ರ ಜನವರಿ 1ರಿಂದ ಅವಕ್ಕೆ ಸ್ಟೀಮ್‌ನ ಬೆಂಬಲ ನಿಂತಿದೆ. ಇನ್ನು "40 ಎಂಬಿ ಪ್ಲ್ಯಾನ್ ಹಾಕ್ಸಿದ್ರೂ 5 ಅಂತಲೇ ತೋರ್ಸತ್ತೆ" ಅನ್ನೋರು: ಅದು ಮೆಗಾಬಿಟ್, ಇದು ಮೆಗಾಬೈಟ್. ಮೊದಲ ಸೆಮಿಸ್ಟರಿನ ಪಾಠ ಮಾರಾಯ್ರೇ.

ಆಯನೂರಿನ ಪ್ರಕರಣ ಇದ್ಯಾವುದೂ ಆಗಿರಲಿಲ್ಲ. ಮಾರನೇ ದಿನ ಬೆಳಿಗ್ಗೆ ವಿಡಿಯೋ ಕಾಲ್ ಮಾಡಿ ಟಾಸ್ಕ್ ಮ್ಯಾನೇಜರ್ ತೆಗೆಸಿದ್ವಿ. ಡಿಸ್ಕ್ 100 ಪರ್ಸೆಂಟ್ ಬ್ಯುಸಿ. ಆದರೆ ಓದ್ತಿರೋ ವೇಗ ಸೊನ್ನೆ, ಬರೀತಿರೋ ವೇಗ ಸೊನ್ನೆ. ಅಷ್ಟರೊಳಗೆ ಅವನು ಮೂರು ಸಲ ಸ್ಟೀಮ್ ಮುಚ್ಚಿ ತೆಗೆದಿದ್ದ. ಮೂರು ಸಲವೂ 73ಕ್ಕೇ ನಿಂತಿತ್ತು. ಈ ಎರಡು ಲಕ್ಷಣ ಒಟ್ಟಿಗೆ ಕಂಡ್ರೆ ಗೇಮ್ ಮರೆತುಬಿಡಿ.

ಆಗ್ತಿದ್ದದ್ದು ಇಷ್ಟು: ಸ್ಟೀಮ್ ಹಳೇ ಫೈಲಿನಿಂದ ಪುಟಗಳನ್ನ ನಕಲು ಮಾಡ್ತಾ ಹೋಗಿ ಒಂದು ಜಾಗಕ್ಕೆ ಬಂದಾಗ ಡಿಸ್ಕಿನ ಆ ಸೆಕ್ಟರ್ ಓದೋಕೇ ಬರ್ತಿಲ್ಲ. ಡಿಸ್ಕ್ ಬಿಡದೆ ಮತ್ತೆ ಮತ್ತೆ ಪ್ರಯತ್ನ ಮಾಡ್ತಿದೆ, ವಿಂಡೋಸ್ ಕಾಯ್ತಿದೆ, ಸ್ಟೀಮೂ ಕಾಯ್ತಿದೆ. "ಆದ್ರೆ ಮೊನ್ನೆವರೆಗೂ ಗೇಮ್ ಸರಿಯಾಗೇ ಓಡ್ತಿತ್ತಲ್ಲ?" ಅಂತ ಅವನು ಕೇಳ್ದ. ನ್ಯಾಯವಾದ ಪ್ರಶ್ನೆ. ಆಡುವಾಗ ಗೇಮ್ ತನಗೆ ಬೇಕಾದ ಭಾಗ ಮಾತ್ರ ಓದತ್ತೆ. ಅವನು ಎಂದೂ ಹೋಗದ ಯಾವುದೋ ಮ್ಯಾಪ್ ಆ ಕೆಟ್ಟ ಸೆಕ್ಟರಿನ ಮೇಲೆ ಕೂತಿದ್ರೆ ಗೊತ್ತಾಗೋದು ಹೇಗೆ? ಪ್ಯಾಚಿಂಗ್ ಆ ದೊಡ್ಡ ಫೈಲನ್ನ ಮೂಲೆಮೂಲೆ ಓದಿಸಿದಾಗಲೇ ಹೊರಗೆ ಬಂದದ್ದು.

ಕ್ರಿಸ್ಟಲ್‌ಡಿಸ್ಕ್‌ಇನ್ಫೋ ಅನ್ನೋ ಉಚಿತ ಸಾಫ್ಟ್‌ವೇರ್ ಹಾಕಿಸಿ ನೋಡಿದ್ವಿ. ಹಳದಿ ಬಣ್ಣದಲ್ಲಿ ಕಾಷನ್ ಅಂತ ಬರೆದಿತ್ತು. ಪೆಂಡಿಂಗ್ ಸೆಕ್ಟರ್ ಅನ್ನೋ ಸಾಲಲ್ಲಿ ಸೊನ್ನೆ ಇರಬೇಕಾದ ಕಡೆ ಸೊನ್ನೆ ಇರಲಿಲ್ಲ. ವಿಂಡೋಸಿನ ಈವೆಂಟ್ ವ್ಯೂವರ್‌ನಲ್ಲೂ ಡಿಸ್ಕ್ ಹೆಸರಲ್ಲಿ 7ನೇ ನಂಬರಿನ ದೂರು ಸಾಲಾಗಿ ಕೂತಿತ್ತು. ಡಿಸ್ಕಿನಲ್ಲಿ ಬ್ಯಾಡ್ ಬ್ಲಾಕ್ ಇದೆ ಅನ್ನೋದು ಅದರ ಅರ್ಥ.

ಇಲ್ಲೊಂದು ಮಾತು ಒತ್ತಿ ಹೇಳ್ಬೇಕು. ಗೇಮಿನ ಪ್ರಾಪರ್ಟೀಸ್‌ಗೆ ಹೋಗಿ ಫೈಲುಗಳನ್ನ ವೆರಿಫೈ ಮಾಡು ಅಂತ ಎಲ್ಲರೂ ಹೇಳ್ತಾರೆ. ಸಾಮಾನ್ಯ ದಿನಗಳಲ್ಲಿ ಒಳ್ಳೇ ಸಲಹೆಯೇ. ಆದರೆ ವೆರಿಫೈ ಅಂದ್ರೆ 80 ಜಿಬಿಯನ್ನೂ ಮೊದಲಿಂದ ಕೊನೆವರೆಗೆ ಓದೋದು. ಸಾಯ್ತಿರೋ ಡಿಸ್ಕಿಗೆ ಆ ಕೆಲಸ ಕೊಡಬಾರದು. ಚೆಕ್‌ಡಿಸ್ಕ್ ಕೂಡ ಆಮೇಲೆ. ಮೊದಲು ನಿಮಗೆ ಬೇಕಾದ ಫೈಲುಗಳು ಹೊರಗೆ ಬರಬೇಕು. ಅವನ ಡಿಸ್ಕಲ್ಲಿ ಏಳನೇ ಸೆಮಿಸ್ಟರಿನ ಪ್ರಾಜೆಕ್ಟ್ ಇತ್ತು, ರಿಪೋರ್ಟಿನ ಮೂರು ಅಧ್ಯಾಯ, ಕೋಡ್, ನಾಲ್ಕು ತಿಂಗಳ ರೀಡಿಂಗ್. ಬ್ಯಾಕಪ್? "ಮಾಡ್ಬೇಕು ಅಂತಿದ್ದೆ." ಅವತ್ತು ಮಧ್ಯಾಹ್ನವೇ ಅವನ ಅಣ್ಣನ 32 ಜಿಬಿ ಪೆನ್‌ಡ್ರೈವಿಗೆ ಎಲ್ಲ ಬಂತು. ಎರಡು ಫೈಲ್ ಬರಲಿಲ್ಲ. ಒಂದು ಹಳೇ ಪಿಪಿಟಿ, ಇನ್ನೊಂದು ಒಂದು ವಾರದ ರೀಡಿಂಗು. ಅದನ್ನ ಲ್ಯಾಬಲ್ಲಿ ಮತ್ತೆ ಕೂತು ತೆಗೆದ.

ಎಲ್ಲ ಡಿಸ್ಕ್ ಸಮಸ್ಯೆಯೂ ಇಷ್ಟು ಗಂಭೀರ ಅಲ್ಲ. ಆ್ಯಂಟಿವೈರಸ್ ಒಂದೊಂದು ಫೈಲನ್ನೂ ತಡೆದು ಪರೀಕ್ಷಿಸ್ತಾ ಇದ್ರೂ ನಿಲ್ಲತ್ತೆ. ಸ್ಟೀಮ್ ಲೈಬ್ರರಿ ಫೋಲ್ಡರನ್ನ ಮಾತ್ರ ಅದರಿಂದ ಹೊರಗಿಡಿ, ಇಡೀ ಸಿ ಡ್ರೈವನ್ನ ಅಲ್ಲ. ಕರಪ್ಟ್ ಅಪ್‌ಡೇಟ್ ಫೈಲ್ಸ್ ಅಂತ ಬಂದ್ರೆ ಸ್ಟೀಮ್ ಮುಚ್ಚಿ, ಸ್ಟೀಮ್‌ಆ್ಯಪ್ಸ್ ಒಳಗಿನ ಡೌನ್‌ಲೋಡಿಂಗ್ ಫೋಲ್ಡರ್ ಖಾಲಿ ಮಾಡಿ. ಪಕ್ಕದಲ್ಲೇ ಇರೋ ಕಾಮನ್ ಫೋಲ್ಡರ್ ಮುಟ್ಬೇಡಿ, ಗೇಮ್ ಇರೋದು ಅದರಲ್ಲಿ. ಏನೂ ತಿಳೀದೆ ಇದ್ರೆ ಸ್ಟೀಮ್‌ನ ಲಾಗ್ಸ್ ಫೋಲ್ಡರಲ್ಲಿ ಕಂಟೆಂಟ್ ಲಾಗ್ ಅನ್ನೋ ಫೈಲ್ ಇದೆ. ಕೊನೆಯ ಇಪ್ಪತ್ತು ಸಾಲು ಓದಿ. ಎಲ್ಲಿ ನಿಂತಿತು ಅಂತ ಅದರಲ್ಲಿ ಬರೆದಿರತ್ತೆ. ಎರರ್ ಓದದೆ ಸ್ಕ್ರೀನ್‌ಶಾಟ್ ಕಳಿಸೋ ಅಭ್ಯಾಸ ನಮ್ಮಲ್ಲಿ ಎಲ್ಲಿಂದ ಬಂತೋ ಗೊತ್ತಿಲ್ಲ.

ರಜೆ ಮುಗಿಸಿ ಅವನು ಹೊಸ ಎಸ್‌ಎಸ್‌ಡಿ ಹಾಕಿಸ್ಕೊಂಡು ಹಾಸ್ಟೆಲಿಗೆ ಬಂದ. 80 ಜಿಬಿ ಗೇಮನ್ನ ನೆಟ್ಟಿಂದ ಇಳಿಸಲಿಲ್ಲ. 2023ರಲ್ಲಿ ಸ್ಟೀಮ್ ತಂದ ಒಂದು ಸೌಲಭ್ಯ ನಮ್ಮಲ್ಲಿ ಬಹಳ ಜನಕ್ಕೆ ಗೊತ್ತಿಲ್ಲ: ಒಂದೇ ನೆಟ್‌ವರ್ಕಿನಲ್ಲಿರೋ ಇನ್ನೊಂದು ಕಂಪ್ಯೂಟರಲ್ಲಿ ಆ ಗೇಮ್ ಇದ್ರೆ ಅಲ್ಲಿಂದಲೇ ನಕಲಾಗತ್ತೆ, ಅಪ್‌ಡೇಟಿಗೂ ಆಗತ್ತೆ. ಇಬ್ಬರೂ ಸ್ಟೀಮಿಗೆ ಲಾಗಿನ್ ಆಗಿರಬೇಕು, ಡೌನ್‌ಲೋಡ್ಸ್ ಸೆಟ್ಟಿಂಗಲ್ಲಿ ಲೋಕಲ್ ನೆಟ್‌ವರ್ಕ್ ಟ್ರಾನ್ಸ್‌ಫರ್ ಆನ್ ಇರಬೇಕು, ಫ್ರೆಂಡ್ಸ್‌ಗೆ ಅಂತ ಇಟ್ರೆ ಸಾಕು. ಹಾಸ್ಟೆಲ್ ವೈಫೈಯಲ್ಲಿ ಒಂದು ಲ್ಯಾಪ್‌ಟಾಪಿಗೆ ಇನ್ನೊಂದು ಕಾಣದ ಹಾಗೆ ಮಾಡಿರ್ತಾರೆ, ಅಲ್ಲಿ ಇದು ನಡೆಯಲ್ಲ. ನಾವು ರೂಮಿನ ಹಳೇ ರೂಟರಿಗೆ ಎರಡು ಲ್ಯಾಪ್‌ಟಾಪನ್ನೂ ಕೇಬಲಲ್ಲಿ ಸೇರಿಸಿದ್ವಿ. ಗಿಗಾಬಿಟ್ ಲೆಕ್ಕದಲ್ಲಿ ಹನ್ನೆರಡು ನಿಮಿಷ ಆಗ್ಬೇಕಿತ್ತು, ಮುಕ್ಕಾಲು ಗಂಟೆ ಆಯ್ತು. ಎಂತಕ್ಕೆ ಅಂದ್ರೆ ಕಳಿಸೋ ಕಡೆಯದ್ದು ಹಾರ್ಡ್ ಡಿಸ್ಕ್. ಆ ಡಿಸ್ಕಿನ ಆರೋಗ್ಯವನ್ನೂ ಅಲ್ಲೇ ನೋಡಿದ್ವಿ, ಸದ್ಯಕ್ಕೆ ಗುಡ್ ಅಂತಿದೆ. ಸತ್ತ ಡಿಸ್ಕನ್ನ ಬಿಚ್ಚಿ ಕ್ಲಬ್ ರೂಮಿನ ಕಿಟಕಿ ಹತ್ರ ಇಟ್ಟಿದ್ದೀವಿ, ಬಂದು ನೋಡ್ಬಹುದು.