ಬ್ಯಾಂಡ್‌ನಿಂದ ಟಿವಿಗೆ: ಮುಖ ಗೊತ್ತಾಗುತ್ತೆ, ಹಾಡು ಯಾರದ್ದು?

ಚಳ್ಳಕೆರೆ: ಗಣೇಶನ ಪೆಂಡಾಲ್ ಇರಲಿ, ರಾಜ್ಯೋತ್ಸವ ಇರಲಿ, ಚಳ್ಳಕೆರೆ-ಮೊಳಕಾಲ್ಮುರು ಕಡೆ ಆರ್ಕೆಸ್ಟ್ರಾ ಬೇಕೇ ಬೇಕು. ಅಂಗಡಿಯವರು ಚಂದಾ ಕೊಡ್ತಾರೆ, ಊರಿನ ಹುಡುಗರು ಹಾಡ್ತಾರೆ. ಸ್ವಲ್ಪ ಚೆನ್ನಾಗಿ ಹಾಡಿದವನಿಗೆ ಎಲ್ಲರೂ ಹೇಳೋದು ಒಂದೇ ಮಾತು: 'ಟಿವಿಗೆ ಹೋಗಪ್ಪ'. ಹೋದ ಮೇಲೆ ಏನಾಗುತ್ತೆ ಅನ್ನೋದಕ್ಕೆ ರಘು ದೀಕ್ಷಿತ್ ದಾರಿಯನ್ನೇ ನೋಡಬಹುದು.

ಮೈಸೂರಲ್ಲಿ ಬೆಳೆದ ರಘು ಓದಿದ್ದು ಮೈಕ್ರೋಬಯಾಲಜಿ ಎಂ.ಎಸ್ಸಿ., ಅದರಲ್ಲಿ ಚಿನ್ನದ ಪದಕ. ಕಲಿತಿದ್ದು ಭರತನಾಟ್ಯ. ಕಾಲೇಜಲ್ಲಿ ಸಹಪಾಠಿಯೊಬ್ಬ ಅದನ್ನೇ ಇಟ್ಟುಕೊಂಡು ಛೇಡಿಸಿದಾಗ ಹಟಕ್ಕೆ ಬಿದ್ದು ಗಿಟಾರ್ ಹಿಡಿದರು. ಬೆಲ್ಜಿಯಂನಲ್ಲಿ ಕೆಲಸ ಮಾಡಿ ವಾಪಸ್ ಬಂದರು. ಪಿಟೀಲು ವಾದಕ ಎಚ್.ಎನ್. ಭಾಸ್ಕರ್ ಜೊತೆ ಕಟ್ಟಿದ 'ಅಂತರಾಗ್ನಿ' ಬ್ಯಾಂಡ್ ಒಡೆಯಿತು. ಆಮೇಲೆ ಬಂದಿದ್ದು 'ರಘು ದೀಕ್ಷಿತ್ ಪ್ರಾಜೆಕ್ಟ್'. ಲುಂಗಿ ಉಟ್ಟು, ಕಾಲಿಗೆ ಗೆಜ್ಜೆ ಕಟ್ಟಿ, ಶಿಶುನಾಳ ಶರೀಫರ ತತ್ವಪದಗಳನ್ನು ರಾಕ್ ಗಿಟಾರ್ ಮೇಲೆ ಹಾಡಿದರು.

ಮುಂಬೈನ ಒಂದು ಕಾರ್ಯಕ್ರಮದಲ್ಲಿ ಸಂಗೀತ ನಿರ್ದೇಶಕರಾದ ವಿಶಾಲ್-ಶೇಖರ್ ಅವರನ್ನು ಕೇಳಿ, ತಮ್ಮದೇ ಕಂಪನಿಯಿಂದ ಮೊದಲ ಆಲ್ಬಂ ತಂದರು. 2008ರಲ್ಲಿ 'ಸೈಕೋ' ಸಿನಿಮಾ ಹಾಡುಗಳು ಕರ್ನಾಟಕದ ಮನೆಮನೆ ತಲುಪಿದವು. 2010ರಲ್ಲಿ ಬಿಬಿಸಿ ಟಿವಿಯ ಜೂಲ್ಸ್ ಹಾಲೆಂಡ್ ಕಾರ್ಯಕ್ರಮದಲ್ಲಿ ಹಾಡಿದ ಮೇಲಂತೂ ಬ್ರಿಟನ್ನಿನಲ್ಲಿ ಆಲ್ಬಂ ಓಡತೊಡಗಿತು. ಮರುವರ್ಷ ಗ್ಲಾಸ್ಟನ್‌ಬರಿ ಉತ್ಸವದ ವೇದಿಕೆ. ಟಿವಿ ಮಾಡಿದ್ದು ಇಷ್ಟೇ: ವರ್ಷಗಟ್ಟಲೆ ಮಾಗಿದ ಸರಕಿಗೆ ಗಿರಾಕಿ ತೋರಿಸಿತು.

ನಮ್ಮ ರಿಯಾಲಿಟಿ ಶೋ ಲೆಕ್ಕ ಬೇರೆ. ಹಾವೇರಿ ಜಿಲ್ಲೆಯ ಕುರಿಗಾಹಿ ಹನುಮಂತನನ್ನು 'ಸರಿಗಮಪ' ನಾಡಿಗೆ ಪರಿಚಯಿಸಿತು, ಮುಂದೆ 2025ರಲ್ಲಿ ಬಿಗ್ ಬಾಸ್ ಕೂಡ ಗೆದ್ದ. ಅಂಥ ಅದೃಷ್ಟ ಎಲ್ಲರಿಗೂ ಇಲ್ಲ. ಅಲ್ಲಿ ಹೆಚ್ಚಾಗಿ ಹಾಡೋದು ಬೇರೆಯವರ ಸಿನಿಮಾ ಹಾಡು. ಚಪ್ಪಾಳೆ ಹಾಡಿದವನಿಗೆ, ಸಾಹಿತ್ಯ-ಸಂಗೀತದ ರಾಯಲ್ಟಿ ಮೂಲ ಹಾಡು ಮಾಡಿದವರಿಗೆ.

2012ರ ಕೃತಿಸ್ವಾಮ್ಯ ತಿದ್ದುಪಡಿ ಇಲ್ಲೇ ಮುಖ್ಯ. ಹಾಡು ಬರೆದವರು, ರಾಗ ಹಾಕಿದವರು ಹಕ್ಕನ್ನು ಕಂಪನಿಗೆ ಬರೆದುಕೊಟ್ಟಿದ್ದರೂ, ಚಿತ್ರಮಂದಿರದಲ್ಲಿ ಸಿನಿಮಾ ಜೊತೆ ತೋರಿಸೋದು ಬಿಟ್ಟು ಟಿವಿ, ರೇಡಿಯೊದಂಥ ಬೇರೆ ಬಳಕೆಗೆ ರಾಯಲ್ಟಿಯಲ್ಲಿ ಸಮಪಾಲು ಅವರದ್ದೇ. ಅದಕ್ಕೇ ಆರ್ಕೆಸ್ಟ್ರಾ ಹುಡುಗರು ಸ್ವಂತದ್ದು ನಾಲ್ಕು ಹಾಡಾದರೂ ಮಾಡಿಟ್ಟುಕೊಳ್ಳೋದು ಒಳ್ಳೇದು. ಶರೀಫರ ಪದಕ್ಕೆ ಹೊಸ ವೇಷ ತೊಡಿಸಬಹುದಾದರೆ ನಮ್ಮ ಕಡೆ ಮ್ಯಾಸಬೇಡರ ಪದಗಳಿಗೇನು ಕಮ್ಮಿ?

ಒಪ್ಪಂದಕ್ಕೆ ಸಹಿ ಹಾಕೋ ಮೊದಲು ಊರಿನ ವಕೀಲರೊಬ್ಬರಿಗೆ ತೋರಿಸಿ. ಎಷ್ಟು ಕಾಲ ಬೇರೆ ಕಡೆ ಹಾಡಬಾರದು ಅಂತ ಬರೆದಿದ್ದಾರೆ, ಅದನ್ನು ಮೊದಲು ಓದಿ. ಇನ್ನು 'ಆಡಿಷನ್‌ಗೆ ಸೀಟು ಕೊಡಿಸ್ತೀನಿ, ಇಷ್ಟು ಫೋನ್‌ಪೇ ಮಾಡಿ' ಅಂತ ಕರೆ ಬಂದರೆ ದುಡ್ಡು ಕಳಿಸಬೇಡಿ, ಚಾನೆಲ್‌ನವರು ಪರದೆ ಮೇಲೆ ತೋರಿಸೋ ನಂಬರಿಗೇ ಕೇಳಿ. ದುಡ್ಡು ಹೋಗಿಬಿಟ್ಟಿದ್ದರೆ ತಡ ಮಾಡದೆ 1930ಕ್ಕೆ ಫೋನ್ ಮಾಡಿ.