ಕುಳಿತ ಗಾಲಿಯೆಲ್ಲ ಹೊಂದಿದ ಗಾಲಿಯಲ್ಲ

ಕುಂದಾಪುರಕ್ಕೆ ಸಮೀಪದ ಕೋಟೇಶ್ವರವು ರಥಶಿಲ್ಪಕ್ಕೆ ಹೆಸರಾದ ಊರು. ತೇರಿನ ಗಾಲಿಯನ್ನು ಮಾಡುವ ಶಿಲ್ಪಿಗಳು ಅದರ ಅಚ್ಚನ್ನೂ ಬಲ್ಲರು, ಅದು ಹೊರಬೇಕಾದ ಭಾರವನ್ನೂ ಬಲ್ಲರು. ಆದುದರಿಂದ ಗಾಲಿಯೂ ಅಚ್ಚೂ ಒಂದಕ್ಕೊಂದು ಹೊಂದುವವೇ ಎಂಬ ಸಂದೇಹಕ್ಕೆ ಅಲ್ಲಿ ಎಡೆಯಿಲ್ಲ. ಮೋಟಾರು ವಾಹನದ ಗಾಲಿಯ ಸಂಗತಿ ಹಾಗಲ್ಲ. ಗಾಲಿಯನ್ನು ಮಾಡುವವರು ಒಬ್ಬರು, ವಾಹನವನ್ನು ಮಾಡುವವರು ಇನ್ನೊಬ್ಬರು, ಹಳೆಯ ಗಾಲಿಯನ್ನು ಬಿಚ್ಚಿ ಬೇರೊಂದನ್ನು ತೊಡಿಸುವವರು ಮತ್ತೊಬ್ಬರು. ಈ ಮೂವರೂ ಒಬ್ಬರ ಮುಖವನ್ನೊಬ್ಬರು ಕಂಡವರಲ್ಲ. ಅವರ ನಡುವಣ ಮಾತೆಲ್ಲವೂ ಅಳತೆಗಳ ಮೂಲಕವೇ ನಡೆಯಬೇಕು. ಆ ಅಳತೆಗಳನ್ನು ಓದುವ ಬಗೆ ಹೇಗೆ, ಓದದೆ ಹೋದರೆ ಆಗುವ ಅನರ್ಥವೇನು ಎಂಬುದೇ ಈ ಲೇಖನದ ವಿಷಯ.

ಬ್ರಹ್ಮಾವರ, ಕುಂದಾಪುರ, ಬೈಂದೂರುಗಳನ್ನು ಪೋಣಿಸಿಕೊಂಡು ಸಾಗುವ 66ನೆಯ ರಾಷ್ಟ್ರೀಯ ಹೆದ್ದಾರಿಯ ಬದಿಯಲ್ಲಿ ಒಂದು ಗಳಿಗೆ ನಿಂತರೆ ಸಾಕು, ಹತ್ತಾರು ಪಿಕಪ್ ವಾಹನಗಳು ನಮ್ಮ ಕಣ್ಣಿಗೆ ಬೀಳುತ್ತವೆ. ಗಂಗೊಳ್ಳಿಯ ಬಂದರಿನ ಮೀನು, ತೋಟದ ತೆಂಗಿನಕಾಯಿ, ಮನೆ ಕಟ್ಟುವ ಮುರಕಲ್ಲು ಎಲ್ಲವೂ ಇವುಗಳ ಬೆನ್ನ ಮೇಲೆಯೇ ಊರಿಂದೂರಿಗೆ ಹೋಗುವುದು. ಕೆಲವು ಬಯಲಿನಲ್ಲೇ ಓಡಾಡಿದರೆ, ಕೆಲವು ಕೊಲ್ಲೂರಿನ ದಾರಿಯಾಗಿಯೋ ಹೊಸಂಗಡಿಯ ಮೇಲಣ ಬಾಳೆಬರೆ ಘಾಟಿಯಾಗಿಯೋ ಮಲೆನಾಡನ್ನು ಏರುತ್ತವೆ. ಮೀನಿನ ಪೆಟ್ಟಿಗೆಗಳಿಂದ ಒಸರುವ ಉಪ್ಪುನೀರು, ಮರವಂತೆಯಲ್ಲಿ ರಸ್ತೆಯ ಮಗ್ಗುಲಿಗೇ ಬಂದು ಬಡಿಯುವ ಕಡಲಿನ ಗಾಳಿ, ನಾಲ್ಕು ತಿಂಗಳ ಮಳೆ, ಇವೆಲ್ಲ ಸೇರಿ ಉಕ್ಕಿನ ಗಾಲಿಯನ್ನು ತುಕ್ಕಿಗೆ ಈಡುಮಾಡುತ್ತವೆ. ಹೊಂಡಕ್ಕೆ ಬಿದ್ದು ಅಂಚು ಡೊಂಕಾಗುವುದೂ ಉಂಟು. ಆಗ ಮಾಲಿಕನು ಬೇರೊಂದು ಗಾಲಿಯನ್ನು ಹುಡುಕಿಕೊಂಡು ಅಂಗಡಿಗೋ ಗುಜರಿಗೋ ಹೋಗುತ್ತಾನೆ. ಬೋಲ್ಟುಗಳು ತೂತುಗಳಲ್ಲಿ ತೂರಿ, ನಟ್ಟು ಬಿಗಿಯಾದರೆ, ‘ಗಾಲಿ ಕೂಕಂಡಿತ್ತಲ್ದಾ, ಇನ್ನೆಂತ ಬೇಕ್?’ ಎಂಬ ಮಾತು ಬರುತ್ತದೆ. ಭೌತವಿಜ್ಞಾನದ ಉತ್ತರವೇನೆಂದರೆ, ಇನ್ನೂ ಬಹಳ ಬೇಕು.

ಗಾಲಿಯನ್ನು ಹಿಡಿದಿರುವುದು ಯಾವುದು?

ಬೋಲ್ಟುಗಳೇ ಗಾಲಿಯನ್ನು ಹೊತ್ತಿವೆ, ಗೂಟಕ್ಕೆ ತೂಗುಹಾಕಿದ ಚೀಲದಂತೆ ಗಾಲಿಯು ಅವುಗಳ ಮೇಲೆ ನಿಂತಿದೆ ಎಂದು ಅನೇಕರು ಭಾವಿಸುತ್ತಾರೆ. ಇದು ಸರಿಯಲ್ಲ. ನಟ್ಟನ್ನು ಬಿಗಿದಾಗ ಬೋಲ್ಟು ಅತಿ ಸ್ವಲ್ಪ ಪ್ರಮಾಣದಲ್ಲಿ ಹಿಗ್ಗಿ, ಸ್ಪ್ರಿಂಗಿನಂತೆ ಗಾಲಿಯನ್ನು ಹಬ್ಬಿನ ಮುಖಕ್ಕೆ ಒತ್ತಿ ಹಿಡಿಯುತ್ತದೆ. ಆ ಒತ್ತಡದಿಂದ ಹುಟ್ಟುವ ಘರ್ಷಣೆಯೇ ಗಾಲಿಯನ್ನು ಜಾರದಂತೆ ಹಿಡಿದಿರುವುದು. ಒಂದು ಲೆಕ್ಕದಿಂದ ಇದನ್ನು ಸ್ಪಷ್ಟಪಡಿಸಿಕೊಳ್ಳೋಣ.

12 ಮಿ.ಮೀ. ವ್ಯಾಸದ ಬೋಲ್ಟನ್ನು 110 ನ್ಯೂಟನ್-ಮೀಟರ್ ತಿರುಚುಬಲದಿಂದ ಬಿಗಿದೆವೆಂದು ಇಟ್ಟುಕೊಳ್ಳೋಣ. ಮರೆಗಳಲ್ಲಿಯೂ ನಟ್ಟಿನ ಮುಖದಲ್ಲಿಯೂ ಇರುವ ಘರ್ಷಣೆಯನ್ನು ಲೆಕ್ಕಕ್ಕೆ ತರಲು ತಂತ್ರಜ್ಞರು ಒಂದು ಗುಣಾಂಕವನ್ನು ಬಳಸುತ್ತಾರೆ. ಶುಭ್ರವಾದ, ಒಣಗಿದ ಉಕ್ಕಿಗೆ ಅದು ಸುಮಾರು 0.2. ತಿರುಚುಬಲವನ್ನು ಈ ಗುಣಾಂಕದಿಂದಲೂ ಬೋಲ್ಟಿನ ವ್ಯಾಸದಿಂದಲೂ ಭಾಗಿಸಿದರೆ, ಒಂದು ಬೋಲ್ಟು ಒತ್ತುವ ಬಲ ಸುಮಾರು 46,000 ನ್ಯೂಟನ್. ಅಂದರೆ ನಾಲ್ಕೂವರೆ ಟನ್ನಿಗೂ ಹೆಚ್ಚಿನ ಭಾರಕ್ಕೆ ಸಮ! ಐದು ಬೋಲ್ಟುಗಳಿಂದ 2,30,000 ನ್ಯೂಟನ್. ಗಾಲಿಗೂ ಹಬ್ಬಿಗೂ ನಡುವಣ ಘರ್ಷಣಾಂಕವನ್ನು 0.15 ಎಂದು ಹಿಡಿದರೆ, ಜಾರುವಿಕೆಯನ್ನು ತಡೆಯುವ ಬಲ ಸುಮಾರು 34,000 ನ್ಯೂಟನ್.

ಇನ್ನು ಅದಕ್ಕೆ ಎದುರು ನಿಲ್ಲುವ ಬಲವನ್ನು ನೋಡೋಣ. ಒಂದು ಗಾಲಿಯ ಮೇಲೆ 700 ಕಿಲೋಗ್ರಾಂ ಭಾರವಿದ್ದು, ಚಾಲಕನು ಬ್ರೇಕನ್ನು ಪೂರ್ತಿಯಾಗಿ ಒತ್ತಿದಾಗ ಟಯರಿನ ಅಂಚಿನಲ್ಲಿ ಸುಮಾರು 5,600 ನ್ಯೂಟನ್ ಬಲ ಬೀಳುತ್ತದೆ. ಆದರೆ ಟಯರಿನ ತ್ರಿಜ್ಯ 35 ಸೆಂ.ಮೀ., ಬೋಲ್ಟುಗಳಿರುವ ವೃತ್ತದ ತ್ರಿಜ್ಯ ಕೇವಲ 7 ಸೆಂ.ಮೀ. ಸನ್ನೆಗೋಲಿನ ನಿಯಮದಂತೆ ಆ ಬಲವು ಬೋಲ್ಟುಗಳ ವೃತ್ತದಲ್ಲಿ ಐದು ಪಟ್ಟಾಗಿ, 28,000 ನ್ಯೂಟನ್ ಆಗುತ್ತದೆ. 34,000ಕ್ಕೂ 28,000ಕ್ಕೂ ಇರುವ ಅಂತರವೇ ನಮ್ಮ ರಕ್ಷೆ. ಅದು ಎಷ್ಟು ಕಿರಿದೆಂಬುದನ್ನು ವಾಚಕರು ಗಮನಿಸಬೇಕು. ಮರೆಗಳಲ್ಲಿ ತುಕ್ಕು ಹಿಡಿದು ಗುಣಾಂಕವು 0.3ಕ್ಕೆ ಏರಿದರೆ, ಅದೇ ತಿರುಚುಬಲಕ್ಕೆ ದೊರೆಯುವ ತಡೆ 23,000 ನ್ಯೂಟನ್ನಿಗೆ ಇಳಿಯುತ್ತದೆ. ಪಾನಾ ‘ಬಿಗಿಯಾಯಿತು’ ಎನ್ನುತ್ತದೆ, ಗಾಲಿ ಮಾತ್ರ ಬಿಗಿಯಾಗಿಲ್ಲ. ತುಕ್ಕಿಗೆ ಹೆದರಿ ಎಣ್ಣೆ ಸುರಿದರೆ ಗುಣಾಂಕ ಕುಗ್ಗಿ, ಬೋಲ್ಟು ಮಿತಿಮೀರಿ ಹಿಗ್ಗುತ್ತದೆ. ಎರಡೂ ಅಪಾಯವೇ. ತಂತಿಯ ಬ್ರಷ್ಷಿನಿಂದ ತುಕ್ಕನ್ನು ತೆಗೆದು, ಮರೆಗಳನ್ನು ಒಣಗಿಸಿ, ವಾಹನದ ಕೈಪಿಡಿಯಲ್ಲಿ ಹೇಳಿದ ತಿರುಚುಬಲದಿಂದ ಬಿಗಿಯುವುದೊಂದೇ ಸರಿಯಾದ ದಾರಿ.

ಬೋಲ್ಟುಗಳ ವೃತ್ತ

ಬೋಲ್ಟುಗಳ ನಡುಬಿಂದುಗಳ ಮೂಲಕ ಎಳೆದ ವೃತ್ತದ ವ್ಯಾಸಕ್ಕೆ ಪಿ.ಸಿ.ಡಿ. ಎಂದು ಹೆಸರು. ಎರಡನೆಯ ಮಹಾಯುದ್ಧದ ಕಾಲದ ವಿಲ್ಲಿಸ್ ಜೀಪಿಗೆ ಐದು ಬೋಲ್ಟುಗಳು ಐದೂವರೆ ಅಂಗುಲದ ವೃತ್ತದಲ್ಲಿದ್ದವು. 1940ರ ದಶಕದ ಕೊನೆಯಲ್ಲಿ ಮಹೀಂದ್ರ ಸಂಸ್ಥೆಯು ಆ ಜೀಪುಗಳನ್ನು ಮುಂಬಯಿಯಲ್ಲಿ ಜೋಡಿಸತೊಡಗಿತು. 2000ದಲ್ಲಿ ಬಂದ ಬೊಲೆರೊವಿನಲ್ಲಿಯೂ ಅದೇ ವೃತ್ತ 139.7 ಮಿ.ಮೀ. ಎಂಬ ಹೆಸರಿನಿಂದ ಉಳಿದುಕೊಂಡಿದೆ. ಅಂಗುಲ ಹೋಗಿ ಮಿಲಿಮೀಟರು ಬಂದರೂ ಅಳತೆ ಬದಲಾಗಲಿಲ್ಲ. ಟೊಯೊಟಾ ಹೈಲಕ್ಸ್ ಪಿಕಪ್‌ಗೂ ಇಸುಜು ಡಿ-ಮ್ಯಾಕ್ಸಿಗೂ ಇದೇ 139.7 ಮಿ.ಮೀ. ವೃತ್ತವಿದೆ. ಆದರೆ ಅವುಗಳಿಗೆ ಬೋಲ್ಟುಗಳು ಆರು. ವ್ಯಾಸವೊಂದನ್ನೇ ಕೇಳಿ ಗಾಲಿ ಕೊಳ್ಳುವವನು ಇಲ್ಲಿ ಮೋಸಹೋಗುತ್ತಾನೆ.

ಆರು ಅಥವಾ ನಾಲ್ಕು ತೂತುಗಳಿದ್ದರೆ ಎದುರುಬದುರಿನ ತೂತುಗಳ ಅಂತರವೇ ವ್ಯಾಸ. ಐದಿದ್ದರೆ ಎದುರಿಗೆ ತೂತು ಇರುವುದಿಲ್ಲ. ಆಗ ನಮ್ಮ ವಿದ್ಯಾರ್ಥಿಗಳು ಕಲಿತ ತ್ರಿಕೋನಮಿತಿಯೇ ನೆರವಿಗೆ ಬರಬೇಕು. ಒಂದು ತೂತಿನ ಎಡ ಅಂಚಿನಿಂದ ಪಕ್ಕದ ತೂತಿನ ಎಡ ಅಂಚಿನವರೆಗೆ ನೇರವಾಗಿ ಅಳೆದರೆ ನಡುಬಿಂದುಗಳ ಅಂತರ ದೊರೆಯುತ್ತದೆ. ಅದನ್ನು 36 ಅಂಶದ ಸೈನಿನಿಂದ, ಎಂದರೆ 0.588ರಿಂದ ಭಾಗಿಸಿದರೆ ವೃತ್ತದ ವ್ಯಾಸ ಬಂತು. 139.7 ಮಿ.ಮೀ. ವೃತ್ತಕ್ಕೆ ಈ ಅಂತರ 82.1 ಮಿ.ಮೀ. ಇರಬೇಕು. ಅಳೆಯುವುದರಲ್ಲಿ ಒಂದು ಮಿಲಿಮೀಟರು ತಪ್ಪಿದರೆ ವ್ಯಾಸದಲ್ಲಿ 1.7 ಮಿಲಿಮೀಟರು ತಪ್ಪುತ್ತದೆ. ಆದುದರಿಂದ ಟೇಪು ಸಾಲದು, ಪ್ರಯೋಗಶಾಲೆಯ ವರ್ನಿಯರ್ ಕ್ಯಾಲಿಪರೇ ಬೇಕು. ಸಣ್ಣ ಕಾರುಗಳಲ್ಲಿ ನಾಲ್ಕು ತೂತುಗಳ 98 ಮಿ.ಮೀ. ವೃತ್ತವೂ 100 ಮಿ.ಮೀ. ವೃತ್ತವೂ ಬಳಕೆಯಲ್ಲಿವೆ. ಒಂದರ ಗಾಲಿಯನ್ನು ಇನ್ನೊಂದಕ್ಕೆ ಬಲವಂತದಿಂದ ಕೂರಿಸಲೂಬಹುದು. ಹಾಗೆ ಕುಳಿತ ಗಾಲಿಯ ಬೋಲ್ಟುಗಳು ಬಾಗಿಯೇ ನಿಂತಿರುತ್ತವೆ, ಪ್ರತಿ ಸುತ್ತಿನಲ್ಲಿಯೂ ಹಿಂದುಮುಂದಾಗಿ ಬಳಲುತ್ತವೆ.

ನಡುವಣ ತೂತು, ನಟ್ಟಿನ ಆಸನ

ಗಾಲಿಯ ನಡುವಿನ ದೊಡ್ಡ ತೂತು ಹಬ್ಬಿನ ಉಬ್ಬಿನ ಮೇಲೆ ಕೂರುತ್ತದೆ. ಅನೇಕ ವಾಹನಗಳಲ್ಲಿ ಗಾಲಿಯನ್ನು ಕೇಂದ್ರಕ್ಕೆ ತರುವುದು ಇದೇ. ರಷ್ಯದ ಲಾಡಾ ನಿವಾ, ಸುಜುಕಿಯ ಜಿಮ್ನಿ ಎರಡಕ್ಕೂ ಐದು ಬೋಲ್ಟು, 139.7 ಮಿ.ಮೀ. ವೃತ್ತ. ಆದರೆ ಮೊದಲನೆಯದರ ನಡುತೂತು ಸುಮಾರು 98 ಮಿ.ಮೀ., ಎರಡನೆಯದರದು 108 ಮಿ.ಮೀ. ತೂತು ಕಿರಿದಾದರೆ ಗಾಲಿ ಕೂರುವುದೇ ಇಲ್ಲ, ಅದರಿಂದ ಹಾನಿಯೂ ಇಲ್ಲ. ಹಿರಿದಾದರೆ ಕೂರುತ್ತದೆ, ಅದೇ ತೊಂದರೆ. ಕೇಂದ್ರ ತಪ್ಪಿದ ಗಾಲಿ ವೇಗದಲ್ಲಿ ನಡುಗುತ್ತದೆ, ನಡುಗಿದ ನಟ್ಟು ಸಡಿಲಾಗುತ್ತದೆ.

ನಟ್ಟು ಕೂರುವ ಆಸನವು ಶಂಕುವಿನಾಕಾರ, ಗೋಳಾಕಾರ, ಚಪ್ಪಟೆ ಎಂದು ಮೂರು ಬಗೆ. ಶಂಕುವಿನಾಕಾರದ ನಟ್ಟನ್ನು ಗೋಳಾಕಾರದ ಆಸನಕ್ಕೆ ಬಿಗಿದರೆ ಪೂರ್ತಿ ಮುಖವು ತಾಗದೆ ಒಂದು ತೆಳುವಾದ ಗೆರೆಯಷ್ಟೇ ತಾಗುತ್ತದೆ. ಆ ಗೆರೆಯ ಮೇಲೆ ಒತ್ತಡವೆಲ್ಲ ಬಿದ್ದು ಲೋಹ ತಗ್ಗುತ್ತದೆ, ಬೋಲ್ಟಿನ ಹಿಗ್ಗು ಹೋಗಿಬಿಡುತ್ತದೆ. ಮಿಶ್ರಲೋಹದ ಗಾಲಿ ಉಕ್ಕಿನದಕ್ಕಿಂತ ದಪ್ಪವಾದುದರಿಂದ ಮರೆಗಳು ಎಷ್ಟು ಹಿಡಿದಿವೆ ಎಂಬುದನ್ನೂ ನೋಡಬೇಕು. ಬೋಲ್ಟಿನ ವ್ಯಾಸದಷ್ಟಾದರೂ ಉದ್ದ ನಟ್ಟಿನೊಳಗೆ ಇರಬೇಕೆಂಬುದು ಸ್ಥೂಲ ನಿಯಮ. 12 ಮಿ.ಮೀ. ಬೋಲ್ಟಿಗೆ 1.5 ಮಿ.ಮೀ. ಅಂತರದ ಮರೆಗಳಿದ್ದರೆ ನಟ್ಟು ಕಡಿಮೆಯೆಂದರೆ ಎಂಟು ಸುತ್ತು ತಿರುಗಬೇಕು. ಇದನ್ನು ಎಣಿಸಲು ಯಾವ ಉಪಕರಣವೂ ಬೇಡ.

ಒಳಹೊರಗಿನ ಲೆಕ್ಕ

ಗಾಲಿಯ ಅಗಲವನ್ನು ಸರಿಯಾಗಿ ಎರಡು ಭಾಗ ಮಾಡುವ ಒಂದು ಸಮತಲವನ್ನು ಕಲ್ಪಿಸಿಕೊಳ್ಳೋಣ. ಹಬ್ಬಿಗೆ ತಾಗುವ ಮುಖವು ಈ ಸಮತಲದಿಂದ ಎಷ್ಟು ದೂರದಲ್ಲಿದೆಯೋ ಅದೇ ಗಾಲಿಯ ಆಫ್‌ಸೆಟ್. ಮುಖವು ಹೊರಬದಿಗೆ ಇದ್ದರೆ ಧನ, ಒಳಬದಿಗೆ ಇದ್ದರೆ ಋಣ. ಗಾಲಿಯ ಮೇಲೆ ಇ.ಟಿ. ಎಂಬ ಅಕ್ಷರಗಳ ಮುಂದೆ ಇದನ್ನು ಮಿಲಿಮೀಟರುಗಳಲ್ಲಿ ಕೆತ್ತಿರುತ್ತಾರೆ. ಆಫ್‌ಸೆಟ್ ಹೆಚ್ಚಾದರೆ ಗಾಲಿ ಒಳಸರಿದು ಸ್ಪ್ರಿಂಗಿಗೋ ಶಾಕ್ ಅಬ್ಸಾರ್ಬರಿಗೋ ತಾಗೀತು. ಕಡಿಮೆಯಾದರೆ ಹೊರಸರಿದು, ನೋಡುವವರಿಗೆ ವಾಹನವು ಎದೆ ಚಾಚಿದಂತೆ ಕಾಣುತ್ತದೆ. ಅನೇಕ ತರುಣರು ಇದನ್ನೇ ಮೆಚ್ಚಿ ಮಾಡಿಸಿಕೊಳ್ಳುವುದು.

ಈ ಅಂದಕ್ಕೆ ತೆರುವ ಬೆಲೆಯೇನು? ಗಾಲಿ 30 ಮಿ.ಮೀ. ಹೊರಸರಿಯಿತೆನ್ನೋಣ. 7,000 ನ್ಯೂಟನ್ ಭಾರ 0.03 ಮೀಟರ್ ಸರಿದರೆ, ಅಚ್ಚಿನ ತುದಿಯನ್ನು ಬಾಗಿಸುವ 210 ನ್ಯೂಟನ್-ಮೀಟರಿನ ಹೆಚ್ಚುವರಿ ಭ್ರಾಮಕ ಹುಟ್ಟುತ್ತದೆ. ಎರಡು ಬೇರಿಂಗುಗಳ ನಡುವಣ ಅಂತರ 60 ಮಿ.ಮೀ. ಇದ್ದರೆ, ಅವುಗಳಲ್ಲೊಂದರ ಮೇಲೆ 3,500 ನ್ಯೂಟನ್ ಹೊರೆ ಹೊಸದಾಗಿ ಬೀಳುತ್ತದೆ. ರೋಲರ್ ಬೇರಿಂಗಿನ ಹೊರೆ ಇಮ್ಮಡಿಯಾದರೆ ಆಯುಷ್ಯ ಅರ್ಧಕ್ಕೆ ಇಳಿಯುವುದಿಲ್ಲ, ಸುಮಾರು ಹತ್ತನೆಯ ಒಂದು ಭಾಗಕ್ಕೆ ಇಳಿಯುತ್ತದೆ! ಗಾಲಿಗೂ ಹಬ್ಬಿಗೂ ನಡುವೆ ತುಂಬುವ ಸ್ಪೇಸರ್ ಬಿಲ್ಲೆಗಳ ಪರಿಣಾಮವೂ ಇದೇ.

ಹೊರೆ ಮತ್ತು ಬಳಲಿಕೆ

ಪಿಕಪ್‌ನ ಗಾಲಿಗೂ ಕಾರಿನ ಗಾಲಿಗೂ ಇರುವ ಮುಖ್ಯ ಭೇದವೇ ಹೊರೆ. ಸರಕು ಸೇರಿ 3,000 ಕಿಲೋಗ್ರಾಂ ತೂಗುವ ವಾಹನದಲ್ಲಿ ಐದರಲ್ಲಿ ಮೂರು ಪಾಲು ಹಿಂದಿನ ಅಚ್ಚಿನ ಮೇಲೆ ಬಿದ್ದರೆ, ಹಿಂದಿನ ಒಂದೊಂದು ಗಾಲಿಗೆ 900 ಕಿಲೋಗ್ರಾಂ. ಟಯರಿನ ಮಗ್ಗುಲಲ್ಲಿ ಬರೆದ ಹೊರೆಯ ಸೂಚ್ಯಂಕ 104 ಇದ್ದರೆ ಅದು 900 ಕಿಲೋಗ್ರಾಂ ಹೊರಬಲ್ಲುದು, 97 ಇದ್ದರೆ 730 ಮಾತ್ರ. ಗಾಲಿಗೂ ಇಂತಹ ಮಿತಿಯುಂಟು. ಕಾರಿಗೆಂದು ಮಾಡಿದ ಗಾಲಿಯ ತೂತುಗಳು ಹೊಂದಿದರೂ ಅದರ ಮಿತಿ ಈ ಹೊರೆಗೆ ಸಾಲದೆ ಹೋಗಬಹುದು.

ಮಿತಿ ಮೀರಿದ ಗಾಲಿ ಮೊದಲ ದಿನವೇ ಮುರಿಯುವುದಿಲ್ಲ, ಮೋಸವಿರುವುದೂ ಅಲ್ಲಿಯೇ. 215/75 ಆರ್ 15 ಎಂಬ ಟಯರನ್ನು ತೆಗೆದುಕೊಳ್ಳಿ. ಅಗಲ 215 ಮಿ.ಮೀ.; ಅದರ ನೂರಕ್ಕೆ 75ರಷ್ಟು ಎತ್ತರ; ಗಾಲಿಯ ವ್ಯಾಸ 15 ಅಂಗುಲ. ಒಟ್ಟು ವ್ಯಾಸ 703.5 ಮಿ.ಮೀ., ಸುತ್ತಳತೆ 2.21 ಮೀಟರ್. ಬ್ರಹ್ಮಾವರದಿಂದ ಬೈಂದೂರಿಗೆ ಇರುವ ಸುಮಾರು 60 ಕಿಲೋಮೀಟರಿನಲ್ಲಿ ಇದು 27,000 ಸುತ್ತು ಸುತ್ತುತ್ತದೆ. ಪ್ರತಿ ಸುತ್ತಿಗೂ ಲೋಹವು ಒಮ್ಮೆ ಬಾಗಿ ಒಮ್ಮೆ ಚೇತರಿಸಿಕೊಳ್ಳುತ್ತದೆ. ದಿನಕ್ಕೊಮ್ಮೆ ಹೋಗಿಬಂದರೆ 300 ದಿನಗಳಲ್ಲಿ ಒಂದು ಕೋಟಿ ಅರುವತ್ತು ಲಕ್ಷ ಸಲ! ತಂತಿಯನ್ನು ಹಿಂದುಮುಂದು ಬಾಗಿಸಿ ಮುರಿಯುವಂತೆ, ಬೋಲ್ಟಿನ ತೂತಿನ ಬಳಿ ಕೂದಲೆಳೆಯಷ್ಟು ಬಿರುಕು ಹುಟ್ಟಿ ಬೆಳೆಯುತ್ತದೆ. ಉಪ್ಪಿನ ತುಕ್ಕು ಆ ಬೆಳವಣಿಗೆಯನ್ನು ತ್ವರೆಗೊಳಿಸುತ್ತದೆ. ಗುಜರಿಯ ಗಾಲಿಯನ್ನು ಕೊಳ್ಳುವವರು ಬಣ್ಣವನ್ನು ನೋಡದೆ, ಬಣ್ಣವನ್ನು ಕೆರೆದು ತೂತಿನ ಅಂಚನ್ನು ನೋಡಬೇಕು.

ಟಯರು ದೊಡ್ಡದಾದರೆ?

ಮೇಲಿನ ಟಯರಿನ ಬದಲು 235/75 ಆರ್ 15 ಹಾಕಿದರೆ ವ್ಯಾಸ 733.5 ಮಿ.ಮೀ. ಆಗುತ್ತದೆ, ನೂರಕ್ಕೆ ನಾಲ್ಕರಷ್ಟು ಹೆಚ್ಚು. ವೇಗಮಾಪಕವು 60 ಎಂದು ತೋರಿಸುವಾಗ ಮೊದಲಿಗಿಂತ ಎರಡೂವರೆ ಕಿಲೋಮೀಟರು ಹೆಚ್ಚು ವೇಗದಲ್ಲಿರುತ್ತೇವೆ. ಸನ್ನೆಗೋಲು ಉದ್ದವಾದುದರಿಂದ ಅದೇ ಬ್ರೇಕಿಗೆ ನೆಲದಲ್ಲಿ ದೊರೆಯುವ ತಡೆ ನೂರಕ್ಕೆ ನಾಲ್ಕರಷ್ಟು ಕುಗ್ಗುತ್ತದೆ. ಹೆದ್ದಾರಿಯಲ್ಲಿ ಇದು ತಿಳಿಯದೆ ಹೋಗಬಹುದು. ಭಾರ ಹೇರಿಕೊಂಡು ಮಳೆಯಲ್ಲಿ ಬಾಳೆಬರೆಯ ತಿರುವುಗಳನ್ನು ಇಳಿಯುವಾಗ ತಿಳಿಯುತ್ತದೆ.

ಕೊಳ್ಳುವ ಕ್ರಮ

ಆದುದರಿಂದ ಗಾಲಿ ಬೇಕಾದಾಗ ಮೊದಲು ವಾಹನದ ಕೈಪಿಡಿಯನ್ನೂ ಹಳೆಯ ಗಾಲಿಯ ಮೇಲಣ ಕೆತ್ತನೆಯನ್ನೂ ಓದಬೇಕು. ಬೋಲ್ಟುಗಳ ಸಂಖ್ಯೆ, ಅವುಗಳ ವೃತ್ತ, ನಡುತೂತು, ನಟ್ಟಿನ ಆಸನ, ವ್ಯಾಸ ಮತ್ತು ಅಗಲ, ಆಫ್‌ಸೆಟ್, ಹೊರೆಯ ಮಿತಿ ಎಂಬ ಏಳನ್ನೂ ಒಂದು ಚೀಟಿಯಲ್ಲಿ ಬರೆದುಕೊಂಡು ಹೋಗಬೇಕು. ಏಳರಲ್ಲಿ ಆರು ಹೊಂದಿ ಒಂದು ಹೊಂದದ ಗಾಲಿಯನ್ನು ಅಗ್ಗವೆಂದು ತರಬಾರದು. ನೋಂದಣಿಪತ್ರದ ವಿವರಗಳಿಗೂ ತಯಾರಕರ ಮೂಲ ವಿವರಗಳಿಗೂ ಭೇದ ಬರುವಂತೆ ವಾಹನವನ್ನು ಮಾರ್ಪಡಿಸುವುದನ್ನು 1988ರ ಮೋಟಾರು ವಾಹನಗಳ ಅಧಿನಿಯಮದ 52ನೆಯ ಕಲಮು ನಿಷೇಧಿಸುತ್ತದೆ ಎಂಬುದೂ ನೆನಪಿರಲಿ. ತೊಡಿಸುವಾಗ ನಟ್ಟುಗಳನ್ನು ಸಾಲಾಗಿ ಬಿಗಿಯದೆ, ನಕ್ಷತ್ರ ಬರೆಯುವಂತೆ ಒಂದನ್ನು ಬಿಟ್ಟು ಒಂದನ್ನು ಬಿಗಿಯಬೇಕು. ಬ್ರಹ್ಮಾವರದಿಂದ ಬೈಂದೂರಿಗೆ ಹೋದಷ್ಟು ದೂರ ಓಡಿಸಿದ ಮೇಲೆ ಇನ್ನೊಮ್ಮೆ ಬಿಗಿ ನೋಡಬೇಕು. ಸ್ಟೆಪ್ನಿಗೂ ಇದೇ ನಿಯಮ.

ನಮ್ಮ ವಿದ್ಯಾರ್ಥಿ ಮಿತ್ರರಿಗೆ ಕಡೆಯ ಒಂದು ಮಾತು. ನಿಮ್ಮ ಮನೆಯಲ್ಲೋ ನೆರೆಯಲ್ಲೋ ಒಂದು ಪಿಕಪ್ ಇದ್ದೀತು. ಅದರ ದುಡಿಮೆಯಿಂದಲೇ ಒಂದು ಸಂಸಾರ ನಡೆಯುತ್ತಿದ್ದೀತು. ವರ್ನಿಯರ್ ಕ್ಯಾಲಿಪರ್ ಹಿಡಿದು ಅದರ ಸ್ಟೆಪ್ನಿಯ ಬಳಿ ಕುಳಿತು, ಮೇಲೆ ಹೇಳಿದ ಅಳತೆಗಳನ್ನು ತೆಗೆದು ಚೀಟಿಯನ್ನು ಚಾಲಕರ ಕೈಗೆ ಕೊಡಿ. ಅರ್ಧ ಗಂಟೆಯ ಕೆಲಸ. ಪರೀಕ್ಷೆಗೆಂದು ಕಲಿತ ಸೈನು, ಭ್ರಾಮಕ, ಘರ್ಷಣೆಗಳು ಘಾಟಿಯಿಳಿಯುವ ಒಬ್ಬರ ಪ್ರಾಣವನ್ನು ಕಾಯಬಲ್ಲವು.