ದ್ರಾಕ್ಷಿಸೀಮೆಯಲ್ಲಿ ಒಂದು ಹಗಲು

ಜಾರ್ಜಿಯಾದ ರಾಜಧಾನಿ ಟ್ಬಿಲಿಸಿಯ ಹಳೆಯ ಪೇಟೆಯಲ್ಲಿ ಬೆಳಗಿನ ಒಂಬತ್ತರ ಹೊತ್ತಿಗೆ ಸಣ್ಣ ವ್ಯಾನುಗಳು ಸಾಲಾಗಿ ನಿಂತಿರುತ್ತವೆ. ಹೆಸರಿನ ಪಟ್ಟಿ ಹಿಡಿದ ಗೈಡ್‌ಗಳು ತಮ್ಮ ತಮ್ಮ ಪ್ರವಾಸಿಗರನ್ನು ಕರೆದು ಹತ್ತಿಸಿಕೊಳ್ಳುತ್ತಾರೆ. ಈಚಿನ ವರ್ಷಗಳಲ್ಲಿ ಈ ವ್ಯಾನುಗಳಲ್ಲಿ ಭಾರತದವರೂ ಸಾಕಷ್ಟು ಕಾಣಸಿಗುತ್ತಾರೆ. ಜಾರ್ಜಿಯಾದ ವೈದ್ಯಕೀಯ ವಿಶ್ವವಿದ್ಯಾಲಯಗಳಲ್ಲಿ ಓದುತ್ತಿರುವ ಭಾರತೀಯ ಮಕ್ಕಳ ಸಂಖ್ಯೆ ದೊಡ್ಡದು, ಅವರಲ್ಲಿ ಕರ್ನಾಟಕದವರೂ ಇದ್ದಾರೆ. ಮಕ್ಕಳನ್ನು ನೋಡಲು ಹೋದ ತಂದೆತಾಯಿಗೆ ಒಂದು ದಿನ ಬಿಡುವು ಸಿಕ್ಕರೆ, ಬಹುಮಟ್ಟಿಗೆ ಅವರು ಹೊರಡುವುದು ಪೂರ್ವ ದಿಕ್ಕಿಗೆ, ಕಾಖೇತಿ ಎಂಬ ಪ್ರಾಂತ್ಯಕ್ಕೆ.

ಈ ಜಾರ್ಜಿಯಾ ಅಮೆರಿಕದ ರಾಜ್ಯವಲ್ಲ. ಕಾಕಸಸ್ ಪರ್ವತದ ದಕ್ಷಿಣ ಮಗ್ಗುಲಲ್ಲಿರುವ, 1991ರಲ್ಲಿ ಸೋವಿಯತ್ ಒಕ್ಕೂಟದಿಂದ ಬಿಡಿಸಿಕೊಂಡ ಪುಟ್ಟ ದೇಶ. ಅಲ್ಲಿ ದ್ರಾಕ್ಷಿಯಿಂದ ವೈನ್ ಮಾಡುವ ಕಸುಬು ಎಷ್ಟು ಹಳೆಯದೆಂದು 2017ರಲ್ಲಿ ಪ್ರಕಟವಾದ ಒಂದು ಸಂಶೋಧನೆ ತೋರಿಸಿತು. ಟ್ಬಿಲಿಸಿಯ ದಕ್ಷಿಣಕ್ಕಿರುವ ಗದಾಚ್ರಿಲಿ ಗೋರಾ, ಶುಲಾವೆರಿ ಗೋರಾ ಎಂಬ ಎರಡು ದಿಬ್ಬಗಳ ಉತ್ಖನನದಲ್ಲಿ ಸಿಕ್ಕ ಮಡಕೆಯ ಚೂರುಗಳು ದ್ರಾಕ್ಷಾರಸದ ಆಮ್ಲಗಳನ್ನು ಹೀರಿಕೊಂಡಿದ್ದವು. ಅವುಗಳ ಕಾಲ ಕ್ರಿಸ್ತಪೂರ್ವ 6000ದಿಂದ 5800. ಅಂದರೆ ಹೆಚ್ಚುಕಡಿಮೆ ಎಂಟು ಸಾವಿರ ವರ್ಷ. ದ್ರಾಕ್ಷಿ ವೈನಿಗೆ ಅದಕ್ಕಿಂತ ಹಳೆಯ ರಾಸಾಯನಿಕ ಸಾಕ್ಷಿ ಆವರೆಗೆ ಸಿಕ್ಕಿರಲಿಲ್ಲ. ಇಂದು ಜಾರ್ಜಿಯಾದ ವೈನ್ ದ್ರಾಕ್ಷಿಯ ಬಹುಪಾಲು ಬೆಳೆಯುವುದು ಕಾಖೇತಿಯಲ್ಲಿ, ಅಲಜಾನಿ ನದಿಯ ಬಯಲಿನಲ್ಲಿ.

ಒಂದು ಹಗಲಿನಲ್ಲಿ ಇಂಥ ನಾಡನ್ನು ನೋಡಿ ಮುಗಿಸಲಾಗದು. ಆದರೂ ಗೈಡ್ ಜತೆಗಿನ ಒಂದು ದಿನದ ಪ್ರವಾಸಕ್ಕೆ ಇಲ್ಲಿ ಬೆಲೆ ಇದೆ. ಮೊದಲನೆಯದಾಗಿ, ನಿಲ್ಲಿಸಿದಲ್ಲೆಲ್ಲ ವೈನ್ ಕೊಡುವ ನಾಡಿನಲ್ಲಿ ಸ್ವತಃ ಕಾರು ಓಡಿಸುವ ಯೋಚನೆಯೇ ತಪ್ಪು. ಎರಡನೆಯದಾಗಿ, ಕಾಖೇತಿಯ ಕೋಟೆ, ಮಠ, ನೆಲಮಾಳಿಗೆಗಳು ತಮ್ಮ ಕತೆಯನ್ನು ಫಲಕಗಳಲ್ಲಿ ಹೆಚ್ಚು ಹೇಳುವುದಿಲ್ಲ. ಅಲ್ಲಿಯ ಲಿಪಿಯನ್ನು ಹೊರಗಿನವರಿಗೆ ಓದಲೂ ಆಗದು. ಗೊತ್ತಿದ್ದವರು ಪಕ್ಕದಲ್ಲಿದ್ದರೆ ಕಲ್ಲು ಮಾತಾಡುತ್ತದೆ, ಇಲ್ಲದಿದ್ದರೆ ಫೋಟೊ ಮಾತ್ರ ಉಳಿಯುತ್ತದೆ.

ಹೆದ್ದಾರಿಯ ಬದಿಯ ಬದಿಯಾವುರಿ ಹಳ್ಳಿಯಲ್ಲಿ ಮೊದಲ ನಿಲುಗಡೆ. ಇಲ್ಲಿಯ ಹೆಂಗಸರು ‘ತೊನೆ’ ಎಂಬ ಆಳವಾದ ಮಣ್ಣಿನ ಒಲೆಯೊಳಕ್ಕೆ ಬಗ್ಗಿ, ಉದ್ದನೆಯ ಹಿಟ್ಟಿನ ಪಟ್ಟಿಯನ್ನು ಒಳಗೋಡೆಗೆ ಬಡಿದು ಅಂಟಿಸುತ್ತಾರೆ. ಕೆಲವೇ ನಿಮಿಷದಲ್ಲಿ ತುದಿ ಚೂಪಾದ ‘ಶೋತಿ’ ರೊಟ್ಟಿ ಕೆಂಪಗೆ ಬೆಂದು ಹೊರಬರುತ್ತದೆ. ಅದರ ಜತೆಗೆ ಉಪ್ಪುಪ್ಪಾದ ಗಿಣ್ಣು, ಅಂದರೆ ಚೀಸ್. ಬೆಳಗಿನ ತಿಂಡಿ ಬಿಟ್ಟು ಬಂದವರಿಗೆ ಇದಕ್ಕಿಂತ ಒಳ್ಳೆಯ ಊಟ ದಾರಿಯಲ್ಲಿ ಇನ್ನೊಂದಿಲ್ಲ.

ಅಲ್ಲಿಂದ ಬೋದ್ಬೆ. ಬೆಟ್ಟದ ಅಂಚಿನಲ್ಲಿ, ಸೈಪ್ರೆಸ್ ಮರಗಳ ನಡುವೆ ಇರುವ ಸನ್ಯಾಸಿನಿಯರ ಮಠ. ನಾಲ್ಕನೆಯ ಶತಮಾನದಲ್ಲಿ ಈ ನಾಡಿಗೆ ಕ್ರೈಸ್ತ ಧರ್ಮ ತಂದ ಸಂತ ನಿನೋಳ ಸಮಾಧಿ ಇಲ್ಲಿದೆ. ಕಪಡೋಸಿಯಾದಿಂದ ಬಂದ ಆ ಹೆಣ್ಣುಮಗಳು ದ್ರಾಕ್ಷಿ ಬಳ್ಳಿಯ ಎರಡು ತುಂಡುಗಳನ್ನು ತನ್ನ ತಲೆಗೂದಲಿನಿಂದ ಕಟ್ಟಿ ಶಿಲುಬೆ ಮಾಡಿಕೊಂಡಿದ್ದಳೆಂದು ಜನ ನಂಬುತ್ತಾರೆ. ತೋಳುಗಳು ಸ್ವಲ್ಪ ಕೆಳಕ್ಕೆ ಬಾಗಿದ ಆ ಶಿಲುಬೆಯ ಆಕಾರವೇ ಇಂದಿಗೂ ಜಾರ್ಜಿಯಾದ ಚರ್ಚಿನ ಗುರುತು. ಧರ್ಮದ ಮೊದಲ ಚಿಹ್ನೆಯೇ ದ್ರಾಕ್ಷಿ ಬಳ್ಳಿಯಾದ ನಾಡಿದು. ವೈನನ್ನು ಇಲ್ಲಿಯವರು ಮೋಜಿನ ವಸ್ತುವಾಗಿ ಮಾತ್ರ ಏಕೆ ನೋಡುವುದಿಲ್ಲ ಎಂಬುದು ಬೋದ್ಬೆಯಲ್ಲಿಯೇ ಅರ್ಥವಾಗತೊಡಗುತ್ತದೆ. ಮಠಗಳೊಳಗೆ ಹೆಂಗಸರು ತಲೆಗೆ ಬಟ್ಟೆ ಹೊದ್ದಿರಬೇಕು, ಗಂಡಸರು ಚಡ್ಡಿ ತೊಟ್ಟು ಹೋಗುವಂತಿಲ್ಲ. ಕುತ್ತಿಗೆಯ ದುಪಟ್ಟಾವನ್ನೇ ತಲೆಗೆ ಹೊದ್ದರೂ ಸಾಕು.

ಬೋದ್ಬೆಯಿಂದ ಎರಡೇ ಕಿಲೋಮೀಟರ್ ದೂರದಲ್ಲಿ ಸಿಘ್ನಾಘಿ. ಹದಿನೆಂಟನೆಯ ಶತಮಾನದಲ್ಲಿ ರಾಜ ಎರಡನೆಯ ಎರೆಕ್ಲೆ ಕಟ್ಟಿಸಿದ ಕೋಟೆ ಊರು. ದಾಗೆಸ್ತಾನದ ಕಡೆಯಿಂದ ದಾಳಿಕೋರರು ಬೆಟ್ಟ ಇಳಿದು ಬಂದು ಹಳ್ಳಿಗಳನ್ನು ಸೂರೆ ಮಾಡಿ, ಜನರನ್ನು ಹಿಡಿದೊಯ್ಯುತ್ತಿದ್ದ ಕಾಲ ಅದು. ನಾಲ್ಕು ಕಿಲೋಮೀಟರಿಗೂ ಹೆಚ್ಚು ಉದ್ದದ ಗೋಡೆ, ಅದರಲ್ಲಿ 23 ಬುರುಜುಗಳು. ಬುರುಜುಗಳಿಗೆ ಸುತ್ತಲಿನ ಹಳ್ಳಿಗಳ ಹೆಸರು. ಅಪಾಯ ಬಂದಾಗ ಆಯಾ ಹಳ್ಳಿಯವರು ತಮ್ಮ ಹೆಸರಿನ ಬುರುಜಿಗೆ ಓಡಿಬರಬೇಕು, ಅದನ್ನು ಕಾಯುವ ಹೊಣೆಯೂ ಅವರದೇ. ಗೋಡೆಯ ಮೇಲೆ ನಡೆಯಬಹುದಾದ ಕಡೆ ನಿಂತರೆ ಕೆಳಗೆ ಅಲಜಾನಿ ಬಯಲು ಹಾಸಿಕೊಂಡಿರುತ್ತದೆ, ಅದರಾಚೆ ಹಿಮ ಹೊತ್ತ ಕಾಕಸಸ್ ಸಾಲು. ದಾಳಿ ಬರುತ್ತಿದ್ದದ್ದೂ ಅದೇ ದಿಕ್ಕಿನಿಂದ.

ಊರಿನ ಕೆಂಪು ಹೆಂಚು, ಮರದ ಕೆತ್ತನೆಯ ಉಪ್ಪರಿಗೆಗಳಿಗೆ 2007ರ ಸುಮಾರಿಗೆ ಸರ್ಕಾರ ಹೊಸ ರೂಪ ಕೊಟ್ಟಿತು. ಹಗಲುರಾತ್ರಿ ಯಾವ ಹೊತ್ತಿಗಾದರೂ ಮದುವೆ ನೋಂದಾಯಿಸುವ ಕಚೇರಿ ಇಲ್ಲಿರುವುದರಿಂದ ‘ಪ್ರೀತಿಯ ಊರು’ ಎಂಬ ಪ್ರಚಾರ ಜೋರಾಗಿದೆ. ಅದಕ್ಕಿಂತ ದೊಡ್ಡ ಆಕರ್ಷಣೆ ಇಲ್ಲಿಯ ವಸ್ತುಸಂಗ್ರಹಾಲಯದಲ್ಲಿರುವ ನಿಕೊ ಪಿರೊಸ್ಮನಿಯ ಚಿತ್ರಗಳು. ಹತ್ತಿರದ ಮಿರ್ಜಾನಿಯಲ್ಲಿ ಬಡವರ ಮನೆಯಲ್ಲಿ ಹುಟ್ಟಿ, ಊಟ ಮತ್ತು ವೈನಿಗಾಗಿ ಪಾನಗೃಹಗಳ ಬೋರ್ಡು ಬರೆಯುತ್ತ, 1918ರಲ್ಲಿ ಬಡತನದಲ್ಲಿಯೇ ತೀರಿಕೊಂಡ ಕಲಾವಿದ. ಕರಿಯ ಆಯಿಲ್‌ಕ್ಲಾತ್ ಮೇಲೆ ಆತ ಬಿಡಿಸಿದ ಔತಣಗಳು, ದ್ರಾಕ್ಷಿ ಕೊಯ್ಲು, ಜಿಂಕೆಗಳು ಇಂದು ದೇಶದ ಹೆಮ್ಮೆ. ಫ್ರೆಂಚ್ ನಟಿಯೊಬ್ಬಳಿಗಾಗಿ ಆತ ಇದ್ದಬದ್ದದ್ದನ್ನೆಲ್ಲ ಮಾರಿ ಹೂ ಸುರಿದನೆಂಬ ಕತೆಯನ್ನು ಗೈಡ್‌ಗಳು ತಪ್ಪದೆ ಹೇಳುತ್ತಾರೆ. ಅದು ದಂತಕತೆ. ಚಿತ್ರಗಳ ಎದುರು ಹತ್ತು ನಿಮಿಷ ನಿಲ್ಲಲು ಬಿಡುವ ಗೈಡ್ ಆ ಕತೆ ಹೇಳುವವನಿಗಿಂತ ಮೇಲು.

ಮಧ್ಯಾಹ್ನದ ಹೊತ್ತು ‘ಮರಾನಿ’ಗೆ ಮೀಸಲು. ಮರಾನಿ ಎಂದರೆ ಮನೆಯ ವೈನ್ ಕೋಣೆ. ದೊಡ್ಡ ಕಾರ್ಖಾನೆಗಳೂ ಇವೆ. ಕ್ವಾರೆಲಿಯಲ್ಲಿ ಬೆಟ್ಟ ಕೊರೆದ ಕಿಲೋಮೀಟರ್‌ಗಟ್ಟಲೆ ಉದ್ದದ ಸುರಂಗದೊಳಗೇ ಒಂದು ವೈನ್ ಕೇಂದ್ರವಿದೆ, ಅನೇಕ ಪ್ರವಾಸಗಳು ನೇರವಾಗಿ ಅಲ್ಲಿಗೇ ಹೋಗುತ್ತವೆ. ಸುರಂಗ ಭವ್ಯವಾಗಿದೆ ನಿಜ. ಆದರೆ ಕಾಖೇತಿಯ ಜೀವ ಇರುವುದು ಹಳ್ಳಿಮನೆಯ ಮರಾನಿಯಲ್ಲಿ.

ಬಾಗಿಲು ತೆರೆದು ಒಳಹೊಕ್ಕವರಿಗೆ ಮೊದಲು ಏನೂ ಕಾಣುವುದಿಲ್ಲ. ಪೀಪಾಯಿಗಳಿಲ್ಲ, ಸ್ಟೀಲ್ ಟ್ಯಾಂಕುಗಳಿಲ್ಲ. ನೆಲದಲ್ಲಿ ದುಂಡನೆಯ ಮುಚ್ಚಳಗಳು ಮಾತ್ರ. ಪ್ರತಿ ಮುಚ್ಚಳದ ಕೆಳಗೆ ಕತ್ತಿನವರೆಗೂ ಹೂತ ಮೊಟ್ಟೆಯಾಕಾರದ ಬೃಹತ್ ಮಣ್ಣಿನ ಗುಡಾಣ, ಅದೇ ‘ಕ್ವೆವ್ರಿ’. ನಮ್ಮ ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಜೋಳ ತುಂಬಿಡಲು ತೋಡುತ್ತಿದ್ದ ಹಗೇವನ್ನು ನೋಡಿದವರಿಗೆ ಈ ಏರ್ಪಾಟಿನ ಜಾಣತನ ಕೂಡಲೇ ಹಿಡಿಸುತ್ತದೆ: ನೆಲದೊಳಗೆ ಬೇಸಿಗೆಯಲ್ಲೂ ಚಳಿಗಾಲದಲ್ಲೂ ತಾಪ ಹೆಚ್ಚು ಏರಿಳಿಯುವುದಿಲ್ಲ.

ಕ್ವೆವ್ರಿ ಮಾಡುವವರು ಈಗ ಕೆಲವೇ ಮನೆತನಗಳು. ಚಕ್ರವಿಲ್ಲದೆ, ಜೇಡಿಮಣ್ಣಿನ ದಪ್ಪ ಸುರುಳಿಗಳನ್ನು ಒಂದರ ಮೇಲೊಂದು ಕೂರಿಸುತ್ತ, ಕೆಳಗಿನದು ಬಿಗಿಯಾದ ಮೇಲಷ್ಟೇ ಮುಂದಿನದನ್ನು ಏರಿಸುತ್ತ ಹೋಗಬೇಕು. ಆಳೆತ್ತರ ಮೀರಿದ ಒಂದು ಗುಡಾಣ ಎದ್ದುನಿಲ್ಲಲು ವಾರಗಟ್ಟಲೆ ಬೇಕು. ಆಮೇಲೆ ಆವಿಗೆಯಲ್ಲಿ ದಿನಗಟ್ಟಲೆ ಸುಟ್ಟು, ಇನ್ನೂ ಬಿಸಿಯಿರುವಾಗಲೇ ಒಳಮೈಗೆ ಜೇನುಮೇಣ ಸವರುತ್ತಾರೆ.

ಸೆಪ್ಟೆಂಬರ್, ಅಕ್ಟೋಬರ್‌ನಲ್ಲಿ ‘ರ್ತ್ವೆಲಿ’, ಅಂದರೆ ದ್ರಾಕ್ಷಿ ಸುಗ್ಗಿ. ಮರದ ದಿಮ್ಮಿ ಕೊರೆದ ತೊಟ್ಟಿಯಲ್ಲಿ ಹಣ್ಣು ತುಳಿದು, ರಸದ ಜತೆಗೆ ಸಿಪ್ಪೆ, ಬೀಜ, ಕೆಲವೊಮ್ಮೆ ತೊಟ್ಟನ್ನೂ ಸೇರಿಸಿ ಕ್ವೆವ್ರಿಗೆ ತುಂಬುತ್ತಾರೆ. ಹೊರಗಿನಿಂದ ಯೀಸ್ಟ್ ಹಾಕುವುದಿಲ್ಲ, ಹಣ್ಣಿನ ಮೇಲೆ ಇರುವುದೇ ಸಾಕು. ಹುದುಗುವ ದಿನಗಳಲ್ಲಿ ಮೇಲೆ ತೇಲಿಬರುವ ಸಿಪ್ಪೆಯ ಪದರವನ್ನು ದಿನಕ್ಕೆ ಹಲವು ಸಲ ಕೋಲಿನಿಂದ ಒತ್ತಿ ಮುಳುಗಿಸಬೇಕು. ಕುದಿತ ಅಡಗಿದ ಮೇಲೆ ಮುಚ್ಚಿ ಮೆತ್ತಿ, ಐದಾರು ತಿಂಗಳು ಹಾಗೇ ಬಿಡುತ್ತಾರೆ. ಬೀಜಗಳು ಚೂಪಾದ ತಳಕ್ಕೆ ಇಳಿದು ಕೂರುತ್ತವೆ, ಮೇಲಿನ ವೈನ್ ತಾನಾಗಿ ತಿಳಿಯಾಗುತ್ತದೆ. ಸಿಪ್ಪೆಯೊಡನೆ ಇಷ್ಟು ದಿನ ಇದ್ದುದರಿಂದ ರ್ಕಾತ್ಸಿತೆಲಿಯಂಥ ಬಿಳಿ ದ್ರಾಕ್ಷಿಯ ವೈನ್ ಕೂಡ ಜೇನಿನ ಬಣ್ಣಕ್ಕೆ ತಿರುಗಿ, ನಾಲಗೆಗೆ ಒಗರಾಗುತ್ತದೆ. ಸಪೆರಾವಿ ದ್ರಾಕ್ಷಿಗಾದರೆ ತಿರುಳೂ ಕೆಂಪು, ವೈನ್ ಕಡುಗಪ್ಪು. 2013ರಲ್ಲಿ ಯುನೆಸ್ಕೊ ಈ ಪದ್ಧತಿಯನ್ನು ಮನುಕುಲದ ಅಮೂರ್ತ ಪರಂಪರೆಯ ಪಟ್ಟಿಗೆ ಸೇರಿಸಿತು.

ಈ ವಿದ್ಯೆ ಉಳಿದದ್ದು ಸುಲಭವಾಗಿ ಅಲ್ಲ. ಜಾರ್ಜಿಯಾದಲ್ಲಿ 500ಕ್ಕೂ ಹೆಚ್ಚು ಸ್ಥಳೀಯ ದ್ರಾಕ್ಷಿ ತಳಿಗಳಿವೆ. ಸೋವಿಯತ್ ಕಾಲದ ಸರ್ಕಾರಿ ಕಾರ್ಖಾನೆಗಳಿಗೆ ಬೇಕಾಗಿದ್ದದ್ದು ಹೆಚ್ಚು ಇಳುವರಿಯ ಕೆಲವೇ ತಳಿ, ಲೆಕ್ಕಕ್ಕೆ ಸಿಗುವ ಲೀಟರುಗಳು. 1985ರಲ್ಲಿ ಗೊರ್ಬಚೆವ್ ಮದ್ಯಪಾನ ವಿರೋಧಿ ಅಭಿಯಾನ ಹೂಡಿದಾಗ ತೋಟಗಳನ್ನೇ ಕಿತ್ತುಹಾಕಲಾಯಿತು. ಹಿತ್ತಲಲ್ಲಿ ನಾಲ್ಕು ಸಾಲು ಬಳ್ಳಿ, ಕೊಟ್ಟಿಗೆಯ ಪಕ್ಕ ಒಂದು ಕ್ವೆವ್ರಿ ಇಟ್ಟುಕೊಂಡಿದ್ದ ರೈತ ಮನೆಗಳು ಹಳೆಯ ತಳಿಯನ್ನೂ ಹಳೆಯ ಕ್ರಮವನ್ನೂ ಕಾದವು. 2006ರಲ್ಲಿ ರಷ್ಯಾ ಜಾರ್ಜಿಯಾದ ವೈನನ್ನು ನಿಷೇಧಿಸಿದಾಗ ಇನ್ನೊಂದು ಪೆಟ್ಟು ಬಿತ್ತು, ಏಕೆಂದರೆ ರಫ್ತಿನ ಬಹುಪಾಲು ಅಲ್ಲಿಗೇ ಹೋಗುತ್ತಿತ್ತು. 2013ರಲ್ಲಿ ನಿಷೇಧ ತೆರವಾಗುವ ಹೊತ್ತಿಗೆ ಬೆಳೆಗಾರರು ಬೇರೆ ದೇಶಗಳ ಗಿರಾಕಿಗಳನ್ನು ಹುಡುಕಿಕೊಂಡಿದ್ದರು. ಹೊಸ ಗಿರಾಕಿಗಳಲ್ಲಿ ಕೆಲವರು ಕೇಳಿದ್ದು ಅಗ್ಗದ ಸಿಹಿ ವೈನನ್ನಲ್ಲ, ಕ್ವೆವ್ರಿಯದನ್ನು. ಇಂದಿನ ಮರಾನಿ ಪ್ರವಾಸಗಳ ಹಿಂದೆ ಈ ಸಂಕಟದ ಕತೆಯಿದೆ.

ಊಟದ ಮೇಜಿನಲ್ಲಿ ವೈನನ್ನು ಸುಮ್ಮನೆ ಹೀರುವ ರೂಢಿ ಇಲ್ಲ. ‘ತಮದಾ’ ಎಂಬ ಹಿರಿಯ ಎದ್ದು ಶಾಂತಿಗೆ, ತೀರಿಕೊಂಡವರಿಗೆ, ಹೊಸದಾಗಿ ಹುಟ್ಟಿದವರಿಗೆ, ಅತಿಥಿಗಳಿಗೆ ಎಂದು ಮಾತಾಡುತ್ತಾನೆ. ಮಾತು ಮುಗಿದ ಮೇಲೆ ‘ಗೌಮರ್ಜೊಸ್’ ಎಂದು ಎಲ್ಲರೂ ಲೋಟ ಎತ್ತುತ್ತಾರೆ. ಕುಡಿಯದವರು ದ್ರಾಕ್ಷಿ ರಸ ಹಿಡಿದು ಕೂತರೂ ಯಾರೂ ಬೇಸರಿಸುವುದಿಲ್ಲ, ಮುಂಚೆಯೇ ತಿಳಿಸಿದ್ದರಾಯಿತು. ಸಸ್ಯಾಹಾರಿಗಳು ಹೆದರಬೇಕಾಗಿಲ್ಲ. ಅಕ್ರೋಟಿನ ಮಸಾಲೆ ಸುತ್ತಿದ ಬದನೆಕಾಯಿ, ಮಣ್ಣಿನ ಕುಡಿಕೆಯಲ್ಲಿ ಬೆಂದ ಹುರುಳಿಕಾಯಿ ಬೀಜದ ‘ಲೋಬಿಯೊ’, ಗಿಣ್ಣು ತುಂಬಿದ ‘ಖಚಪುರಿ’ ಎಲ್ಲ ಕಡೆ ಸಿಗುತ್ತವೆ. ಅಕ್ರೋಟನ್ನು ದಾರಕ್ಕೆ ಪೋಣಿಸಿ, ಹಿಟ್ಟು ಸೇರಿಸಿ ಕುದಿಸಿದ ದ್ರಾಕ್ಷಿ ರಸದಲ್ಲಿ ಅದ್ದಿ ಒಣಗಿಸಿದ ‘ಚುರ್ಚ್‌ಖೆಲಾ’ವನ್ನು ಊರಿಗೂ ಒಯ್ಯಬಹುದು.

ಮಧ್ಯಾಹ್ನದ ನಂತರ ದಾರಿಗಳು ಕವಲೊಡೆಯುತ್ತವೆ. ಕೆಲವರು ತ್ಸಿನಂದಾಲಿಗೆ ಹೋಗುತ್ತಾರೆ. ಕವಿಯೂ ಸೇನಾನಿಯೂ ಆಗಿದ್ದ ಅಲೆಕ್ಸಾಂಡರ್ ಚಾವ್ಚವಾಜೆ ಯುರೋಪಿನ ಕ್ರಮದಲ್ಲಿ ವೈನ್ ಮಾಡಿ ಬಾಟಲಿಗೆ ತುಂಬಿಸಿದ ಬಂಗಲೆ ಅದು. 1854ರಲ್ಲಿ ದಾಗೆಸ್ತಾನದ ನಾಯಕ ಇಮಾಂ ಶಮೀಲನ ದಂಡು ಇಲ್ಲಿಂದಲೇ ಮನೆಯ ಹೆಂಗಸರನ್ನೂ ಮಕ್ಕಳನ್ನೂ ಒತ್ತೆಯಾಳಾಗಿ ಹೊತ್ತೊಯ್ದಿತ್ತು. ಇನ್ನು ಕೆಲವರು ಎರೆಕ್ಲೆಯ ಅರಮನೆಯಿರುವ ತೆಲಾವಿಯಲ್ಲಿ ಇಳಿದು, ಸುಮಾರು 900 ವರ್ಷದ್ದೆಂದು ಹೇಳಲಾಗುವ ಚಿನಾರ್ ಮರ ನೋಡುತ್ತಾರೆ. ಎರಡೂ ಚೆನ್ನಾಗಿವೆ. ಆದರೆ ಕನ್ನಡಿಗರು ಬಿಡಬಾರದ ಜಾಗ ತೆಲಾವಿಯಿಂದ ಸುಮಾರು 20 ಕಿಲೋಮೀಟರ್ ದೂರದ ಅಲವೆರ್ದಿ.

ದ್ರಾಕ್ಷಿ ತೋಟಗಳ ನಡುವೆ ಒಂಟಿಯಾಗಿ, 50 ಮೀಟರ್‌ಗೂ ಎತ್ತರಕ್ಕೆ ಎದ್ದು ನಿಂತ ಹನ್ನೊಂದನೆಯ ಶತಮಾನದ ಕತೆಡ್ರಲ್ ಇದು. ಇಲ್ಲಿಯ ಸನ್ಯಾಸಿಗಳು ಇಂದಿಗೂ ಕ್ವೆವ್ರಿಯಲ್ಲಿ ವೈನ್ ಮಾಡುತ್ತಾರೆ. ಕಾಖೇತಿಯ ರಾಣಿ ಕೆತೆವಾನಳ ಕತೆ ಈ ಕಟ್ಟಡಕ್ಕೆ ಹೆಣೆದುಕೊಂಡಿದೆ. ಮಗ ತೈಮುರಾಜನ ರಾಜ್ಯ ಉಳಿಸಲು ಪರ್ಷಿಯಾದ ಷಾ ಅಬ್ಬಾಸನ ಬಳಿ ಸಂಧಾನಕ್ಕೆ ಹೋದ ಆಕೆಯನ್ನು ವರ್ಷಗಟ್ಟಲೆ ಶಿರಾಜ್‌ನಲ್ಲಿ ಸೆರೆಯಿಡಲಾಯಿತು. ಮತ ಬದಲಿಸಲು ಒಪ್ಪದ ರಾಣಿಯನ್ನು 1624ರ ಸೆಪ್ಟೆಂಬರ್‌ನಲ್ಲಿ ಕಾದ ಇಕ್ಕಳಗಳಿಂದ ಹಿಂಸಿಸಿ ಕೊಂದರು. ಆಗ ಶಿರಾಜ್‌ನಲ್ಲಿದ್ದ ಪೋರ್ಚುಗೀಸ್ ಅಗಸ್ಟೀನಿಯನ್ ಪಾದ್ರಿಗಳು ಅವಳ ಅಸ್ಥಿಗಳನ್ನು ಗುಟ್ಟಾಗಿ ತೆಗೆದರು. ಒಂದು ಭಾಗ ಮಗನ ಕೈಸೇರಿ ಅಲವೆರ್ದಿಯಲ್ಲಿ ನೆಲೆಯಾಯಿತು. ಇನ್ನೊಂದು ಭಾಗ ಸಮುದ್ರ ದಾಟಿ 1627ರಲ್ಲಿ ಗೋವೆಗೆ ಬಂತು.

ವಿಜಯಪುರದ ಆದಿಲ್‌ಶಾಹಿಗಳ ಕೈಯಿಂದ 1510ರಲ್ಲಿ ಪೋರ್ಚುಗೀಸರು ಕಿತ್ತುಕೊಂಡಿದ್ದ ಅದೇ ಗೋವೆ. ಹಳೆ ಗೋವೆಯ ಸಂತ ಅಗಸ್ಟೀನ್ ಚರ್ಚು ಹತ್ತೊಂಬತ್ತನೆಯ ಶತಮಾನದಲ್ಲಿ ಕುಸಿದ ಮೇಲೆ ಅಸ್ಥಿಯ ಸುಳಿವೇ ಇರಲಿಲ್ಲ. ಭಾರತೀಯ ಪುರಾತತ್ವ ಸರ್ವೇಕ್ಷಣ ಇಲಾಖೆ ಹಳೆಯ ದಾಖಲೆಗಳ ಗುರುತು ಹಿಡಿದು ಅವಶೇಷಗಳ ನಡುವೆ ಅಗೆದಾಗ ತೋಳಿನ ಮೂಳೆಯೊಂದು ಸಿಕ್ಕಿತು. ಹೈದರಾಬಾದಿನ ಸಿಸಿಎಂಬಿ ಸಂಶೋಧನಾ ಸಂಸ್ಥೆಯ ವಿಜ್ಞಾನಿಗಳು ಅದರ ಡಿಎನ್‌ಎ ಪರೀಕ್ಷಿಸಿದರು. ತಾಯಿಯ ಕಡೆಯಿಂದ ಬರುವ ಆ ವಂಶವಾಹಿ ಗುಂಪು ಭಾರತೀಯರಲ್ಲಿ ಕಾಣಸಿಗದು, ಜಾರ್ಜಿಯಾದವರಲ್ಲಿದೆ. ಮೂಳೆ ರಾಣಿಯದೇ ಇರಬೇಕೆಂಬ ಮಾತಿಗೆ ಅದರಿಂದ ಬಲ ಬಂತು. 2021ರ ಜುಲೈನಲ್ಲಿ ವಿದೇಶಾಂಗ ಸಚಿವ ಎಸ್. ಜೈಶಂಕರ್ ಟ್ಬಿಲಿಸಿಗೆ ಹೋಗಿ ಆ ಅವಶೇಷದ ಒಂದು ಭಾಗವನ್ನು ಜಾರ್ಜಿಯಾಕ್ಕೆ ಒಪ್ಪಿಸಿದರು. ಭಾರತದವರೆಂದು ಗೊತ್ತಾದರೆ ಗೈಡ್‌ಗಳು ಈ ಕತೆಯನ್ನು ತಾವಾಗಿಯೇ ತೆಗೆಯುವುದುಂಟು. ತೆಗೆಯದಿದ್ದರೆ ಕೇಳಬೇಕು.

ವಾಪಸ್ ಬರುವ ಹತ್ತಿರದ ದಾರಿ ಗೊಂಬೊರಿ ಘಾಟಿಯದು. ತಿರುವುಗಳು ಹೆಚ್ಚು, ಚಳಿಗಾಲದಲ್ಲಿ ಹಿಮವೂ ಬೀಳುತ್ತದೆ. ಸುಗ್ಗಿಯ ತಿಂಗಳುಗಳಲ್ಲಿ ಹೋಗುವವರು ಗೈಡನ್ನು ಮೊದಲೇ ಗೊತ್ತುಮಾಡಿಕೊಳ್ಳಬೇಕು. ಹಣ ಕಟ್ಟುವ ಮುನ್ನ ನಿಲುಗಡೆಗಳ ಪಟ್ಟಿ ತರಿಸಿ ನೋಡಿ. ಏಳೆಂಟು ಹೆಸರುಗಳಿದ್ದರೆ ಅರ್ಧ ದಿನ ವ್ಯಾನಿನಲ್ಲಿಯೇ ಕಳೆಯುತ್ತದೆ. ಒಂದು ಕೋಟೆ ಊರು, ಒಂದು ಹಳ್ಳಿಮನೆಯ ಮರಾನಿ, ಎರಡು ಮಠ ಇದ್ದರೆ ಹಗಲು ತುಂಬುತ್ತದೆ. ಪಟ್ಟಿಯಲ್ಲಿ ಅಲವೆರ್ದಿ ಇಲ್ಲದಿದ್ದರೆ, ವೈನ್ ಕಾರ್ಖಾನೆಯೊಂದನ್ನು ಕೈಬಿಟ್ಟು ಅಲ್ಲಿಗೆ ಕರೆದೊಯ್ಯುವಂತೆ ಕೇಳಿ.